ಬದುಕಿನ ಗುರಿ ಮತ್ತು ಒಂದು ಆಟದ ಮೈದಾನ

ಬದುಕಿನ ಗುರಿಯನ್ನು ಬೆನ್ನಟ್ಟುವವರ ಚಿತ್ರಗಳೆಂದರೆ ನಮಗೆ ಸಾಮಾನ್ಯವಾಗಿ ನೆನಪಾಗುವುದು ಸಾಧಕರ ಕಥೆಗಳು. ಬಡತನದಲ್ಲಿ ಹುಟ್ಟಿದ ಹುಡುಗ ಓಟದಲ್ಲಿ ಪದಕ ಗೆಲ್ಲುತ್ತಾನೆ. ಯಾರೂ ನಂಬದಿದ್ದ ವಿಜ್ಞಾನಿ ಕೊನೆಗೆ ಲೋಕದ ಮನ್ನಣೆ ಪಡೆಯುತ್ತಾನೆ. ಸೋತು ಸುಣ್ಣವಾಗಿದ್ದ ತಂಡ ಕಪ್ ಎತ್ತಿ ಹಿಡಿಯುತ್ತದೆ. ನಾವು ಚಪ್ಪಾಳೆ ತಟ್ಟಿ ಮನೆಗೆ ಮರಳುತ್ತೇವೆ. ಆದರೆ ನಮ್ಮಲ್ಲಿ ಬಹುಪಾಲು ಮಂದಿ ಪದಕ ಗೆಲ್ಲುವವರಲ್ಲ. ಕಚೇರಿಯಲ್ಲಿ, ಅಂಗಡಿಯಲ್ಲಿ, ಶಾಲೆಯಲ್ಲಿ, ಹೊಲದಲ್ಲಿ, ಅಡುಗೆಮನೆಯಲ್ಲಿ ದಿನ ಕಳೆಯುವವರು. ನಮ್ಮ ಬದುಕಿಗೂ ಒಂದು ಗುರಿ ಎಂಬುದಿದೆಯೇ? ಇದ್ದರೆ ಅದು ಎಲ್ಲಿದೆ?

ಈ ಪ್ರಶ್ನೆಯನ್ನು ನೇರವಾಗಿ ಎತ್ತಿಕೊಂಡ ಚಿತ್ರವೊಂದು 1952ರಲ್ಲಿ ಜಪಾನಿನಲ್ಲಿ ತಯಾರಾಯಿತು. ಅಕಿರ ಕುರೊಸಾವ ನಿರ್ದೇಶಿಸಿದ ಆ ಚಿತ್ರದ ಹೆಸರು ‘ಇಕಿರು’. ಜಪಾನಿ ಭಾಷೆಯಲ್ಲಿ ಇದಕ್ಕೆ ‘ಬದುಕುವುದು’ ಎಂದು ಅರ್ಥ. ಇದರ ನಾಯಕ ವೀರನಲ್ಲ, ಕಲಾವಿದನಲ್ಲ, ಕ್ರಾಂತಿಕಾರಿಯೂ ಅಲ್ಲ. ಅವನು ನಗರಸಭೆಯ ಒಂದು ವಿಭಾಗದ ಮುಖ್ಯಸ್ಥ. ನಿವೃತ್ತಿಯ ಅಂಚಿಗೆ ಬಂದಿರುವ, ದಿನವಿಡೀ ಕಾಗದಗಳಿಗೆ ಮೊಹರು ಒತ್ತುವ ಮನುಷ್ಯ.

ಈ ಚಿತ್ರವನ್ನು ಅರಿಯಬೇಕಾದರೆ ಅದು ಹುಟ್ಟಿದ ಕಾಲವನ್ನು ನಾವು ಗಮನಿಸಬೇಕು. 1945ರ ಮಾರ್ಚ್ ತಿಂಗಳ ಒಂದೇ ರಾತ್ರಿಯ ಬೆಂಕಿಬಾಂಬ್ ದಾಳಿಗೆ ಟೋಕಿಯೊ ನಗರದ ಬಹುದೊಡ್ಡ ಭಾಗ ಸುಟ್ಟು ಬೂದಿಯಾಗಿ, ಸುಮಾರು ಒಂದು ಲಕ್ಷ ಜನ ಸತ್ತಿದ್ದರು. ಅದೇ ವರ್ಷ ಆಗಸ್ಟಿನಲ್ಲಿ ಹಿರೋಶಿಮಾ, ನಾಗಸಾಕಿಗಳ ಮೇಲೆ ಅಣುಬಾಂಬ್ ಬಿತ್ತು, ಜಪಾನ್ ಶರಣಾಯಿತು. ಅಮೆರಿಕದ ನೇತೃತ್ವದ ಮಿತ್ರಪಡೆಗಳ ಹಿಡಿತ 1952ರ ಏಪ್ರಿಲ್ 28ರವರೆಗೂ ಮುಂದುವರಿಯಿತು. ‘ಇಕಿರು’ ತೆರೆ ಕಂಡದ್ದು ಅದೇ ವರ್ಷದ ಅಕ್ಟೋಬರಿನಲ್ಲಿ. ಅಂದರೆ ದೇಶ ಮತ್ತೆ ಸ್ವತಂತ್ರವಾಗಿ ಆರು ತಿಂಗಳೂ ಕಳೆದಿರಲಿಲ್ಲ.

ಈ ಅವಧಿಯಲ್ಲಿ ಕಾಗದದ ಮೇಲೆ ದೊಡ್ಡ ಬದಲಾವಣೆಗಳಾಗಿದ್ದವು. 1947ರ ಮೇ 3ರಂದು ಹೊಸ ಸಂವಿಧಾನ ಜಾರಿಗೆ ಬಂತು. ಸರಕಾರಿ ಅಧಿಕಾರಿಗಳು ಯಾವುದೋ ಒಂದು ಗುಂಪಿನ ಸೇವಕರಲ್ಲ, ಇಡೀ ಸಮುದಾಯದ ಸೇವಕರು ಎಂದು ಅದರ 15ನೇ ವಿಧಿ ಸಾರಿತು. ಅದಕ್ಕೆ ಮೊದಲು ಜಪಾನಿನ ಅಧಿಕಾರಿ ಚಕ್ರವರ್ತಿಯ ಸೇವಕನಾಗಿದ್ದ. ಈಗ ಅವನು ಪ್ರಜೆಗಳ ಸೇವಕನಾದ. ಆದರೆ ಮಿತ್ರಪಡೆಗಳು ಆಡಳಿತ ನಡೆಸಿದ್ದು ಹಳೆಯ ಅಧಿಕಾರಿವರ್ಗದ ಮೂಲಕವೇ. ಸೇನೆ ವಿಸರ್ಜನೆಯಾಯಿತು, ಕಚೇರಿಗಳು ಉಳಿದುಕೊಂಡವು. ಕಾನೂನು ಬದಲಾಯಿತು, ಕುರ್ಚಿಯ ಮೇಲೆ ಕುಳಿತವನ ಅಭ್ಯಾಸ ಬದಲಾಗಲಿಲ್ಲ. ‘ಇಕಿರು’ವಿನ ಕಥೆ ನಡೆಯುವುದು ಈ ಬಿರುಕಿನಲ್ಲೇ.

ಆ ಹೊತ್ತಿಗೆ ಕುರೊಸಾವ ಹೆಸರು ಜಗತ್ತಿಗೆ ಗೊತ್ತಾಗಿತ್ತು. ಅವರ ‘ರಾಶೊಮೊನ್’ 1951ರ ವೆನಿಸ್ ಚಿತ್ರೋತ್ಸವದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಪಡೆದಿತ್ತು. ರಷ್ಯನ್ ಸಾಹಿತ್ಯವೆಂದರೆ ಅವರಿಗೆ ಪ್ರಾಣ. ಅದೇ 1951ರಲ್ಲಿ ಅವರು ದಾಸ್ತೋವ್ಸ್ಕಿಯ ‘ಈಡಿಯಟ್’ ಕಾದಂಬರಿಯನ್ನು ತೆರೆಗೆ ತಂದಿದ್ದರು. ‘ಇಕಿರು’ವಿಗೆ ಪ್ರೇರಣೆ 1886ರಲ್ಲಿ ಪ್ರಕಟವಾದ ಟಾಲ್‌ಸ್ಟಾಯ್ ಅವರ ‘ಇವಾನ್ ಇಲಿಚನ ಸಾವು’ ಎಂಬ ನೀಳ್ಗತೆ. ಹಿಂದಿನ ಚಿತ್ರದಂತೆ ಇಲ್ಲಿ ಮೂಲ ಕೃತಿಯನ್ನು ಅನುಸರಿಸದೆ, ಕುರೊಸಾವ ಅವರು ಶಿನೊಬು ಹಶಿಮೊತೊ ಮತ್ತು ಹಿದೆಯೊ ಒಗುನಿ ಜೊತೆ ಕುಳಿತು ಹೊಸ ಚಿತ್ರಕಥೆಯನ್ನೇ ಬರೆದರು. ಟಾಲ್‌ಸ್ಟಾಯ್ ಅವರ ನಾಯಕ ಒಬ್ಬ ನ್ಯಾಯಾಧೀಶ. ಸಾವಿನ ಹಾಸಿಗೆಯಲ್ಲಿ ತನ್ನ ಬದುಕು ಸುಳ್ಳಾಗಿತ್ತೆಂದು ಅವನಿಗೆ ಅರಿವಾಗುತ್ತದೆ, ಕೊನೆಯ ಗಳಿಗೆಯಲ್ಲಿ ಒಳಗೊಂದು ಬೆಳಕು ಕಾಣುತ್ತದೆ. ಕುರೊಸಾವ ಅವರ ನಾಯಕನಿಗೆ ಅಷ್ಟು ಸಾಲದು. ಅವನ ಅರಿವು ಹಾಸಿಗೆಯಿಂದೆದ್ದು ಕಚೇರಿಗೆ ನಡೆಯಬೇಕು.

ಚಿತ್ರ ಆರಂಭವಾಗುವುದು ಹೊಟ್ಟೆಯ ಒಂದು ಎಕ್ಸ್‌ರೇ ಚಿತ್ರದಿಂದ. ಈ ಮನುಷ್ಯನಿಗೆ ಕ್ಯಾನ್ಸರ್ ಇದೆ, ಅವನಿಗಿನ್ನೂ ಗೊತ್ತಿಲ್ಲ ಎಂದು ನಿರೂಪಕನ ದನಿ ಹೇಳುತ್ತದೆ. ಬಳಿಕ ನಾಗರಿಕರ ಅಹವಾಲು ವಿಭಾಗದ ಮುಖ್ಯಸ್ಥ ಕಾಂಜಿ ವತಾನಬೆಯನ್ನು ನಾವು ನೋಡುತ್ತೇವೆ. ಸುಮಾರು ಮೂವತ್ತು ವರ್ಷಗಳಲ್ಲಿ ಒಂದು ದಿನವೂ ರಜೆ ಹಾಕದವನು. ಕಡತಗಳ ಗೋಡೆಯ ನಡುವೆ ಕುಳಿತು ಒಂದಾದ ಮೇಲೊಂದು ಕಾಗದಕ್ಕೆ ಮೊಹರು ಒತ್ತುತ್ತಾನೆ. ಮೊಹರು ಒರೆಸಲು ಅವನಿಗೆ ಕಾಗದ ಬೇಕಾಗುತ್ತದೆ. ಮೇಜಿನ ಸೆಳೆಖಾನೆಯಿಂದ ಒಂದು ಹಳೆಯ ವರದಿಯ ಹಾಳೆಯನ್ನು ಹರಿದುಕೊಳ್ಳುತ್ತಾನೆ. ಅದು ಕಚೇರಿಯ ಕೆಲಸವನ್ನು ಸುಧಾರಿಸುವುದು ಹೇಗೆ ಎಂದು ಅವನೇ ಹಿಂದೊಮ್ಮೆ ಬರೆದಿದ್ದ ಪ್ರಸ್ತಾವ! ಇವನು ಹುಟ್ಟಾ ಜಡನಲ್ಲ, ಒಂದು ಕಾಲಕ್ಕೆ ಕನಸಿದ್ದವನು ಎಂಬುದನ್ನು ಕುರೊಸಾವ ಒಂದೂ ಮಾತಿಲ್ಲದೆ ತಿಳಿಸಿಬಿಡುತ್ತಾರೆ.

ಅದೇ ಹೊತ್ತಿಗೆ ಬಡ ಬಡಾವಣೆಯ ಕೆಲವು ತಾಯಂದಿರು ಅರ್ಜಿ ಹಿಡಿದು ಬರುತ್ತಾರೆ. ತಮ್ಮ ಮನೆಗಳ ಬಳಿ ಕೊಳಚೆಯ ಗುಂಡಿಯಿದೆ, ಮಕ್ಕಳಿಗೆ ಕಾಯಿಲೆಯಾಗುತ್ತಿದೆ, ಅದನ್ನು ಮುಚ್ಚಿ ಆಟದ ಮೈದಾನ ಮಾಡಿಕೊಡಿ ಎಂಬುದು ಬೇಡಿಕೆ. ಅವರನ್ನು ಲೋಕೋಪಯೋಗಿ ವಿಭಾಗಕ್ಕೆ ಕಳಿಸಲಾಗುತ್ತದೆ. ಅಲ್ಲಿಂದ ಉದ್ಯಾನಗಳ ವಿಭಾಗಕ್ಕೆ, ಅಲ್ಲಿಂದ ಆರೋಗ್ಯ ಇಲಾಖೆಗೆ, ಹೀಗೆ ಮೇಜಿನಿಂದ ಮೇಜಿಗೆ. ಕೊನೆಗೆ ಅವರು ಬಂದು ನಿಲ್ಲುವುದು ಹೊರಟ ಕಿಟಕಿಯ ಮುಂದೆಯೇ. ಇದನ್ನು ನೋಡುವಾಗ ಜಪಾನ್ ಯಾವ ದಿಕ್ಕಿನಲ್ಲಿದೆ ಎಂದು ಯಾರೂ ನಮಗೆ ಹೇಳಿಕೊಡಬೇಕಾಗಿಲ್ಲ.

ಆಸ್ಪತ್ರೆಯಲ್ಲಿ ವೈದ್ಯರು ವತಾನಬೆಗೆ ನಿಜ ಹೇಳುವುದಿಲ್ಲ, ಸಾಮಾನ್ಯ ಹುಣ್ಣು ಎನ್ನುತ್ತಾರೆ. ಆದರೆ ಅದೇ ಸುಳ್ಳನ್ನು ಕ್ಯಾನ್ಸರ್ ರೋಗಿಗಳಿಗೆ ಹೇಗೆ ಹೇಳಲಾಗುತ್ತದೆಂದು ಹೊರಗೆ ಕುಳಿತ ಇನ್ನೊಬ್ಬ ರೋಗಿ ಮೊದಲೇ ವಿವರಿಸಿದ್ದರಿಂದ ಅವನಿಗೆ ಎಲ್ಲವೂ ಅರ್ಥವಾಗುತ್ತದೆ. ಮಗನಿಗೆ ಹೇಳಲು ಹೋದರೆ ಮಗನ ಚಿಂತೆ ಅಪ್ಪನ ಉಳಿತಾಯದ ಹಣದ ಸುತ್ತ. ಹತಾಶನಾಗಿ ಒಬ್ಬ ಲೇಖಕನ ಜೊತೆ ರಾತ್ರಿಯಿಡೀ ಮದ್ಯ, ನೃತ್ಯ, ಜೂಜುಗಳ ಬೀದಿಗಳಲ್ಲಿ ಅಲೆಯುತ್ತಾನೆ. ಸುಖ ಸಿಗುವುದಿಲ್ಲ. ಬಳಿಕ ಕಚೇರಿಯ ಕೆಲಸ ಬಿಟ್ಟು ಹೋಗುತ್ತಿರುವ ತೊಯೊ ಎಂಬ ನಗುಮುಖದ ಹುಡುಗಿಯ ಬೆನ್ನು ಹತ್ತುತ್ತಾನೆ. ನೀನು ಇಷ್ಟು ಜೀವಂತವಾಗಿರುವುದು ಹೇಗೆ ಎಂಬುದು ಅವನ ಪ್ರಶ್ನೆ. ಅವಳ ಬಳಿ ತತ್ವಜ್ಞಾನವೇನೂ ಇಲ್ಲ. ಈಗ ಕಾರ್ಖಾನೆಯಲ್ಲಿ ಆಟಿಕೆ ಮೊಲಗಳನ್ನು ಮಾಡುತ್ತಿದ್ದೇನೆ, ಅದನ್ನು ಮಾಡುವಾಗ ದೇಶದ ಮಕ್ಕಳೆಲ್ಲ ತನ್ನ ಗೆಳೆಯರಾದಂತೆ ಅನಿಸುತ್ತದೆ ಎನ್ನುತ್ತಾಳೆ. ಆ ಮಾತು ಅವನೊಳಗೆ ಇಳಿಯುತ್ತದೆ. ತಾನೂ ಏನನ್ನಾದರೂ ಮಾಡಬಹುದು, ಮನಸ್ಸು ಮಾಡಿದರೆ ಸಾಕು ಎಂದು ಹೊಳೆಯುತ್ತದೆ. ಮರುದಿನ ಕಚೇರಿಗೆ ಬಂದವನು ರಾಶಿಯೊಳಗಿಂದ ಆ ತಾಯಂದಿರ ಅರ್ಜಿಯನ್ನು ಹೊರತೆಗೆಯುತ್ತಾನೆ.

ನಾವು ಇಲ್ಲಿ ಒಂದು ಅಂಶವನ್ನು ಗುರುತಿಸಬೇಕು. ಗುರಿಯನ್ನು ಹುಡುಕಿ ವತಾನಬೆ ನಗರವನ್ನೆಲ್ಲ ಅಲೆದ. ಅದು ಸಿಕ್ಕಿದ್ದು ಮೂವತ್ತು ವರ್ಷ ತಾನು ಕುಳಿತಿದ್ದ ಮೇಜಿನ ಮೇಲೆಯೇ. ಅವನು ಕೆಲಸ ಬದಲಿಸಲಿಲ್ಲ, ಸನ್ಯಾಸಿಯಾಗಲಿಲ್ಲ. ಅಲ್ಲಿಯವರೆಗೆ ಮಾಡಿದಂತೆ ನಟಿಸುತ್ತಿದ್ದ ಕೆಲಸವನ್ನು ನಿಜವಾಗಿ ಮಾಡಲು ಶುರು ಮಾಡಿದ, ಅಷ್ಟೆ.

ಬೇರೆ ನಿರ್ದೇಶಕರಾಗಿದ್ದರೆ ಮುಂದಿನ ಒಂದು ಗಂಟೆ ಹೋರಾಟವನ್ನು ತೋರಿಸಿ ಮೈದಾನದ ಉದ್ಘಾಟನೆಗೆ ತಂದು ನಿಲ್ಲಿಸುತ್ತಿದ್ದರು. ಕುರೊಸಾವ ಹಾಗೆ ಮಾಡುವುದಿಲ್ಲ. ಥಟ್ಟನೆ ನಿರೂಪಕನ ದನಿ ಬಂದು, ಐದು ತಿಂಗಳ ಬಳಿಕ ನಮ್ಮ ನಾಯಕ ಸತ್ತ ಎನ್ನುತ್ತದೆ. ಎರಡು ಗಂಟೆ ಇಪ್ಪತ್ತಮೂರು ನಿಮಿಷಗಳ ಚಿತ್ರದ ಸುಮಾರು ಮೂರನೆಯ ಒಂದು ಭಾಗ ನಡೆಯುವುದು ಅವನ ಭಾವಚಿತ್ರದ ಮುಂದೆ ಕುಳಿತ ಸಹೋದ್ಯೋಗಿಗಳ ನಡುವೆ. ಮೈದಾನವೇನೋ ಆಗಿದೆ, ಆದರೆ ಅದರ ಕೀರ್ತಿ ಉಪಮೇಯರಿಗೆ ಸಂದಿದೆ. ಒಬ್ಬ ವಿಭಾಗ ಮುಖ್ಯಸ್ಥನಿಂದ ಇದೆಲ್ಲ ಆಗುವುದುಂಟೇ ಎಂದು ಅಧಿಕಾರಿಗಳು ವಾದಿಸುತ್ತಾರೆ. ಆಗ ಬಡಾವಣೆಯ ತಾಯಂದಿರು ಒಳಬಂದು ಧೂಪ ಹಚ್ಚಿ ಬಿಕ್ಕಿ ಬಿಕ್ಕಿ ಅಳುತ್ತಾರೆ. ಉಪಮೇಯರ್ ಮುಖ ತಪ್ಪಿಸಿಕೊಂಡು ಎದ್ದು ಹೋಗುತ್ತಾನೆ. ಅನಂತರ ಒಬ್ಬೊಬ್ಬರ ನೆನಪಿನಿಂದ ಚೂರು ಚೂರಾಗಿ ನಿಜ ಹೊರಬರುತ್ತದೆ. ಅವನು ಎಷ್ಟು ಬಾಗಿಲುಗಳ ಮುಂದೆ ಕಾದು ಕುಳಿತ, ಎಷ್ಟು ಸಲ ತಲೆಬಾಗಿ ಬೇಡಿದ, ಆ ಜಾಗದ ಮೇಲೆ ಕಣ್ಣಿಟ್ಟಿದ್ದ ರೌಡಿಗಳು ಪ್ರಾಣ ಬೆದರಿಕೆ ಹಾಕಿದಾಗಲೂ ಹೇಗೆ ಸುಮ್ಮನೆ ನಕ್ಕ ಎಂಬುದೆಲ್ಲ. ಹಿಮ ಬೀಳುವ ರಾತ್ರಿಯಲ್ಲಿ ಅವನು ಆ ಮೈದಾನದ ಉಯ್ಯಾಲೆಯ ಮೇಲೆ ಕುಳಿತು ಹಳೆಯ ಹಾಡೊಂದನ್ನು ಸಂತೋಷದಿಂದ ಹಾಡಿಕೊಳ್ಳುತ್ತಿದ್ದುದನ್ನು ಕಂಡವನು ಒಬ್ಬ ಪೊಲೀಸ್ ಪೇದೆ. ನಟ ತಕಾಶಿ ಶಿಮುರಾಗೆ ಆಗ ಇನ್ನೂ ಐವತ್ತು ತುಂಬಿರಲಿಲ್ಲ. ಆದರೂ ಆ ದೃಶ್ಯದಲ್ಲಿ ಅವರು ಇಡೀ ಆಯುಷ್ಯ ಕಳೆದ ಮುದುಕನಂತೆ, ಜೊತೆಗೇ ಮಗುವಿನಂತೆ ಕಾಣುತ್ತಾರೆ.

ಕನ್ನಡಿಗರಾದ ನಮಗೆ ಇಲ್ಲಿ ಇನ್ನೊಂದು ಚಿತ್ರ ನೆನಪಾಗದೆ ಇರದು. ‘ಇಕಿರು’ ಬಂದು ಇಪ್ಪತ್ತು ವರ್ಷಗಳ ಬಳಿಕ, 1972ರಲ್ಲಿ, ಟಿ.ಕೆ. ರಾಮರಾವ್ ಅವರ ಕಾದಂಬರಿಯನ್ನಾಧರಿಸಿ ಸಿದ್ಧಲಿಂಗಯ್ಯ ನಿರ್ದೇಶಿಸಿದ ‘ಬಂಗಾರದ ಮನುಷ್ಯ’ ತೆರೆಕಂಡಿತು. ಎರಡು ಚಿತ್ರಗಳಿಗೂ ಸಂಬಂಧವಿಲ್ಲ. ಒಂದು ನಗರದ ಕಚೇರಿಯದು, ಇನ್ನೊಂದು ಹಳ್ಳಿಯ ಹೊಲದ್ದು. ಆದರೆ ಡಾ. ರಾಜಕುಮಾರ್ ಅಭಿನಯಿಸಿದ ರಾಜೀವ ಬಂಜರು ನೆಲವನ್ನು ಹಸಿರಾಗಿಸಿ, ಅಕ್ಕನ ಮಕ್ಕಳನ್ನು ದಡ ಸೇರಿಸಿ, ಕೊನೆಗೆ ಅವರದೇ ಮನೆಯಲ್ಲಿ ಅವಮಾನದ ಮಾತು ಕೇಳಿ ಯಾರಿಗೂ ಹೇಳದೆ ಹೊರಟುಹೋಗುತ್ತಾನೆ. ಅಲ್ಲಿಯೂ ಕೆಲಸ ಉಳಿಯುತ್ತದೆ, ಮಾಡಿದವನು ಉಳಿಯುವುದಿಲ್ಲ. ಗುರಿ ಮುಟ್ಟಿದವನಿಗೆ ಹಾರ ತುರಾಯಿ ಸಿಕ್ಕೇ ಸಿಗುತ್ತದೆಂಬ ಭರವಸೆಯನ್ನು ಈ ಎರಡು ಚಿತ್ರಗಳೂ ಕೊಡುವುದಿಲ್ಲ. ಆದರೂ ಆ ಬದುಕು ವ್ಯರ್ಥವಾಯಿತೆಂದು ನೋಡಿದ ಯಾರಿಗೂ ಅನಿಸುವುದಿಲ್ಲ.

‘ಇಕಿರು’ವಿನ ಕೊನೆಯಂತೂ ಇನ್ನಷ್ಟು ಕಹಿ. ಸತ್ತವನನ್ನು ಸ್ಮರಿಸುತ್ತ ಕುಡಿದ ಸಹೋದ್ಯೋಗಿಗಳು ಕಣ್ಣೀರಿಟ್ಟು, ತಾವೂ ಇನ್ನು ಮುಂದೆ ಅವನಂತೆ ದುಡಿಯುತ್ತೇವೆಂದು ಆಣೆ ಮಾಡುತ್ತಾರೆ. ಆದರೆ ಮುಂದಿನ ದೃಶ್ಯದಲ್ಲಿ ಹೊಸ ಮುಖ್ಯಸ್ಥ ಅದೇ ಕುರ್ಚಿಯಲ್ಲಿದ್ದಾನೆ. ಇನ್ನೊಂದು ಅಹವಾಲು ಬರುತ್ತದೆ. ಲೋಕೋಪಯೋಗಿ ವಿಭಾಗಕ್ಕೆ ಹೋಗಿ ಎಂಬ ಅದೇ ಉತ್ತರ. ಕಿಮುರಾ ಎಂಬೊಬ್ಬ ನೌಕರ ಮಾತ್ರ ಪ್ರತಿಭಟಿಸಲು ಎದ್ದು ನಿಲ್ಲುತ್ತಾನೆ. ಎಲ್ಲರೂ ಅವನತ್ತ ನೋಡುತ್ತಾರೆ. ಅವನು ಮೆಲ್ಲನೆ ಕುಳಿತು ಕಡತಗಳ ರಾಶಿಯ ಹಿಂದೆ ಮರೆಯಾಗುತ್ತಾನೆ. ಒಬ್ಬ ವ್ಯಕ್ತಿ ಬದಲಾದರೆ ವ್ಯವಸ್ಥೆ ತಾನಾಗಿಯೇ ಬದಲಾಗುತ್ತದೆ ಎಂಬ ಸುಲಭದ ಸಮಾಧಾನವನ್ನು ಕುರೊಸಾವ ನಮಗೆ ಕೊಡುವುದಿಲ್ಲ. ಸಂವಿಧಾನ ಬದಲಾದರೂ ಕುರ್ಚಿ ಬದಲಾಗದ ದೇಶದಲ್ಲಿ ಅದು ಸುಳ್ಳಾಗುತ್ತಿತ್ತು.

ಈ ಚಿತ್ರ 1954ರ ಬರ್ಲಿನ್ ಚಿತ್ರೋತ್ಸವದಲ್ಲಿ ವಿಶೇಷ ಬಹುಮಾನ ಪಡೆಯಿತು. ಎಪ್ಪತ್ತು ವರ್ಷಗಳ ನಂತರವೂ ಅದು ಹಳತಾಗಿಲ್ಲ. ನಾಗಸಾಕಿಯಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ಬೆಳೆದ ನೊಬೆಲ್ ಪುರಸ್ಕೃತ ಲೇಖಕ ಕಜುವೊ ಇಶಿಗುರೊ ಇದೇ ಕಥೆಯನ್ನು 1953ರ ಲಂಡನ್ ನಗರಕ್ಕೆ ಒಗ್ಗಿಸಿ ಬರೆದರು. ಆಲಿವರ್ ಹರ್ಮನಸ್ ನಿರ್ದೇಶನದಲ್ಲಿ ಅದು 2022ರಲ್ಲಿ ‘ಲಿವಿಂಗ್’ ಎಂಬ ಹೆಸರಿನಲ್ಲಿ ಬಂತು. ಟೋಕಿಯೊದ ಕಡತ ಲಂಡನ್ನಿನ ಕಚೇರಿಯಲ್ಲಿಯೂ ಅಷ್ಟೇ ಸಲೀಸಾಗಿ ಧೂಳು ಹಿಡಿಯಿತು! ಸೋತ ಜಪಾನಿನಲ್ಲಿ ಹುಟ್ಟಿದ ಕಥೆ ಗೆದ್ದ ಇಂಗ್ಲೆಂಡಿಗೂ ಒಪ್ಪಿತೆಂದರೆ, ರೋಗ ಒಂದು ದೇಶದ್ದಲ್ಲ ಎಂದಾಯಿತು.

ಹಾಗಾದರೆ ಈ ಚಿತ್ರ ನಮ್ಮ ಮುಂದಿಡುವ ಪ್ರಶ್ನೆ ಯಾವುದು? ಒಂದು ಕೊಳಚೆ ಗುಂಡಿ ಮುಚ್ಚಲು ಒಬ್ಬ ಮನುಷ್ಯನಿಗೆ ಕ್ಯಾನ್ಸರ್ ಬರಬೇಕಾಯಿತೇ ಎಂಬುದು. ಇನ್ನು ಸಮಯವಿಲ್ಲ ಎಂದು ಗೊತ್ತಾದ ಮೇಲಷ್ಟೇ ವತಾನಬೆಗೆ ಸಮಯದ ಬೆಲೆ ತಿಳಿಯಿತು. ಆದರೆ ಮೇಜಿನ ಆಚೆ ನಿಂತಿದ್ದ ತಾಯಂದಿರಿಗೆ ಅದು ಮೊದಲ ದಿನವೇ ಗೊತ್ತಿತ್ತು, ಕಾಯಿಲೆ ಬೀಳುತ್ತಿದ್ದುದು ಅವರ ಮಕ್ಕಳಲ್ಲವೇ? ನಮ್ಮಲ್ಲಿ ಕೆಲವರ ಕೈಯಲ್ಲಿ ಮೊಹರಿದೆ, ಕೆಲವರ ಕೈಯಲ್ಲಿ ಸೀಮೆಸುಣ್ಣ, ಇನ್ನು ಕೆಲವರ ಕೈಯಲ್ಲಿ ತಕ್ಕಡಿ. ಬದುಕಿನ ಗುರಿ ಎಲ್ಲೋ ದೂರದ ಶಿಖರದಲ್ಲಿದೆ ಎಂದು ನಾವು ಹುಡುಕುತ್ತಲೇ ಇರುತ್ತೇವೆ. ನಮ್ಮ ಮೇಜಿನ ಮುಂದೆ ಯಾರೋ ಒಬ್ಬರು ಅರ್ಜಿ ಹಿಡಿದು ಕಾಯುತ್ತಲೇ ಇರುತ್ತಾರೆ.