ಗೌಲೈಟರ್: ಪದವಿಯೊಂದು ಬೈಗುಳವಾದ ಕತೆ

ಗೌಲೈಟರ್. ಕೇಳಿದರೆ ಬೀಡಿ ಹಚ್ಚುವ ಲೈಟರಿನ ಒಂದು ಬಗೆಯೇನೋ ಅನ್ನಿಸುತ್ತದೆ. ನಮಗೂ ಹಾಗೇ ಅನ್ನಿಸಿತ್ತು. ಕಾಲೇಜು ಲೈಬ್ರರಿಯಲ್ಲಿ ಇಂಗ್ಲಿಷ್ ಪತ್ರಿಕೆಯೊಂದಕ್ಕೆ ನಾಲ್ಕು ಜನ ಒಟ್ಟಿಗೆ ತಲೆ ತೂರಿಸಿ ಓದುವಾಗ ಸಿಕ್ಕಿದ ಪದ ಇದು. ಯಾರೋ ಒಬ್ಬ ಬರಹಗಾರ ತನ್ನೂರಿನ ನಗರಸಭೆ ಅಧಿಕಾರಿಯ ದರ್ಪವನ್ನು ಬೈಯುತ್ತಾ ಅವನನ್ನು ಗೌಲೈಟರ್ ಅಂದಿದ್ದ. ನಿಘಂಟು ತೆಗೆದರೆ ಎರಡು ಅರ್ಥ. ಒಂದು, ಹಿಟ್ಲರನ ನಾಜಿ ಪಕ್ಷದಲ್ಲಿ ಒಂದು ಪ್ರಾಂತದ ಮುಖ್ಯಸ್ಥ. ಎರಡು, ದರ್ಪದಿಂದ ಮೆರೆಯುವ ಅಧಿಕಾರಿ. ಮೊದಲನೆಯ ಅರ್ಥಕ್ಕೂ ಎರಡನೆಯದಕ್ಕೂ ನಡುವೆ ಒಂದು ಅರ್ಧವಿರಾಮ, ಅಷ್ಟೆ. ಆ ಅರ್ಧವಿರಾಮದೊಳಗೆ ಎಷ್ಟು ಲಕ್ಷ ಜನ ಹೂತುಹೋಗಿದ್ದಾರೆ ಅನ್ನುವುದು ಗೊತ್ತಾದದ್ದು ಆಮೇಲೆ, ಚರಿತ್ರೆಯನ್ನು ಕೂತು ಓದಿದಾಗ.

ಅವತ್ತು ರಾತ್ರಿಯೇ ನಮ್ಮ ಹಾಸ್ಟೆಲಿನ ವಾರ್ಡನ್ನಿಗೆ ಈ ಹೆಸರಿಟ್ಟೆವು ಅನ್ನುವುದನ್ನೂ ಮುಚ್ಚಿಡುವುದಿಲ್ಲ. ಅದುವರೆಗೆ ಅವನು ಬರೀ ಹಿಟ್ಲರ್ ಆಗಿದ್ದ. ಹೊಸ ಹೆಸರಿಗೆ ಡಿಗ್ರಿ ಓದುವ ಹುಡುಗರ ಗತ್ತಿತ್ತು.

ಈ ಪದದ ಎರಡು ತುಂಡುಗಳೂ ಹುಟ್ಟಿನಿಂದ ಪಾಪಿಗಳಲ್ಲ. 'ಗೌ' ಅಂದರೆ ಜರ್ಮನ್ ಜನರ ಹಳೆಯ ನುಡಿಯಲ್ಲಿ ಒಂದು ಸೀಮೆ, ಒಂದು ನಾಡು. (ಹಿಂದಿಯ 'ಗಾಂವ್' ನೆನಪಾದರೆ ಅಲ್ಲಿಗೇ ಬಿಡಿ, ಅದು 'ಗ್ರಾಮ'ದಿಂದ ಬಂದದ್ದು. ಸದ್ದು ಕೇಳಿ ಸಂಬಂಧ ಬೆಳೆಸುವ ಪಂಡಿತರ ಕಾಟ ನಮಗೆ ಸಾಕಾಗಿದೆ.) ಸಾವಿರದ ಇನ್ನೂರು ವರ್ಷಗಳ ಹಿಂದೆ ಫ್ರಾಂಕರ ರಾಜ್ಯದಲ್ಲಿ ಗೌ ಎಂಬುದು ಆಡಳಿತದ ಒಂದು ವಿಭಾಗವಾಗಿತ್ತು. ಸ್ವಿಟ್ಜರ್ಲೆಂಡಿನ ಆರ್‌ಗೌ, ತುರ್‌ಗೌ, ಜರ್ಮನಿಯ ಬ್ರೈಸ್‌ಗೌ ಇವೆಲ್ಲ ಇವತ್ತಿಗೂ ಊರುನಾಡುಗಳ ಹೆಸರುಗಳು. 'ಲೈಟರ್' ಅಂದರೆ ನಡೆಸುವವನು, ಮುಖ್ಯಸ್ಥ. ಜರ್ಮನಿಯಲ್ಲಿ ಹೆಡ್‌ಮಾಸ್ತರನ್ನು ಈಗಲೂ 'ಶೂಲ್‌ಲೈಟರ್' ಅನ್ನುತ್ತಾರೆ, ಅದರಲ್ಲಿ ಯಾವ ಅವಮಾನವೂ ಇಲ್ಲ. ಅದೇ ಲೈಟರ್, ಸ್ತ್ರೀಲಿಂಗದಲ್ಲಿ ಬಂದರೆ ಏಣಿ. ನಮ್ಮಲ್ಲಿ 'ಅಮಲು' ಅಂದರೆ ಅಧಿಕಾರವೂ ಹೌದು, ತಲೆಗೇರಿದ ನಶೆಯೂ ಹೌದಲ್ಲವೆ, ಹಾಗೆ.

ಜೈಲಿನಿಂದ ಹೊರಗೆ ಬಂದಿದ್ದ ಹಿಟ್ಲರ್ 1925ರಲ್ಲಿ ತನ್ನ ಪಕ್ಷವನ್ನು ಮತ್ತೆ ಕಟ್ಟಿದ. ಆಗ ದೇಶದಲ್ಲಿ ಪ್ರಷ್ಯ, ಬವೇರಿಯ, ಸ್ಯಾಕ್ಸನಿ ಮುಂತಾದ ರಾಜ್ಯಗಳಿದ್ದವು, ಅವಕ್ಕೆ ಚುನಾಯಿತ ಸಭೆಗಳಿದ್ದವು. ಪಕ್ಷ ಆ ನಕ್ಷೆಯನ್ನು ಪಕ್ಕಕ್ಕೆ ಸರಿಸಿ, ಹೆಚ್ಚುಕಡಿಮೆ ಪಾರ್ಲಿಮೆಂಟಿನ ಚುನಾವಣಾ ಕ್ಷೇತ್ರಗಳನ್ನು ಅನುಸರಿಸಿ ತನ್ನದೇ ನಕ್ಷೆ ಬರೆದುಕೊಂಡಿತು. ಒಂದೊಂದು ತುಂಡಿಗೂ 'ಗೌ' ಎಂಬ ಪುರಾತನ ಹೆಸರು. 'ಜಿಲ್ಲೆ' ಅಂದರೆ ಗುಮಾಸ್ತರ ವಾಸನೆ, 'ಗೌ' ಅಂದರೆ ಪೂರ್ವಜರ ವಾಸನೆ. ನಮ್ಮ ಕಡೆಯಿಂದ 'ಆರ್ಯ' ಪದವನ್ನೂ ಸ್ವಸ್ತಿಕವನ್ನೂ ಹೊತ್ತುಕೊಂಡು ಹೋದವರು ಇವರೇ ಅನ್ನುವುದನ್ನು ಮರೆಯಬಾರದು. ಹೊಸ ದಬ್ಬಾಳಿಕೆಗೆ ಹಳೆಯ ಕಾಲದ ಬಟ್ಟೆ ತೊಡಿಸುವುದರಲ್ಲಿ ಅವರು ನಿಸ್ಸೀಮರಾಗಿದ್ದರು.

ಗೌಲೈಟರನನ್ನು ಜನ ಆರಿಸಲಿಲ್ಲ. ಪಕ್ಷದ ಸದಸ್ಯರೂ ಆರಿಸಲಿಲ್ಲ. ನೇಮಿಸುವವನು ಹಿಟ್ಲರ್, ತೆಗೆಯುವವನೂ ಹಿಟ್ಲರ್. 1933ರ ಜನವರಿಯಲ್ಲಿ ಹಿಟ್ಲರ್ ಪ್ರಧಾನಿಯಾದ ಮೇಲೆ ಈ ಪಕ್ಷದ ನಕ್ಷೆ ನಿಜವಾದ ನಕ್ಷೆಯನ್ನೇ ನುಂಗಲು ಶುರುಮಾಡಿತು. 1933ರ ಏಪ್ರಿಲ್ 7ರ ಕಾನೂನಿನಿಂದ ರಾಜ್ಯಗಳ ಮೇಲೆ ಕೇಂದ್ರದ ರಾಜ್ಯಪಾಲರನ್ನು ಕೂರಿಸಿದರು, ಅವರಲ್ಲಿ ಹೆಚ್ಚಿನವರು ಗೌಲೈಟರುಗಳೇ. ಅದೇ ದಿನ ಇನ್ನೊಂದು ಕಾನೂನು ಬಂತು: ಸರ್ಕಾರಿ ನೌಕರಿಯಲ್ಲಿದ್ದ ಯಹೂದಿಗಳನ್ನೂ ರಾಜಕೀಯ ವಿರೋಧಿಗಳನ್ನೂ ಹೊರಹಾಕುವ ಕಾನೂನು. ಮೇಷ್ಟ್ರು, ಪ್ರೊಫೆಸರು, ನ್ಯಾಯಾಧೀಶ, ಗುಮಾಸ್ತ, ಯಾರನ್ನೂ ಬಿಡಲಿಲ್ಲ. ಒಂದೇ ದಿನ ಒಂದು ಕೈಯಲ್ಲಿ ಕುರ್ಚಿ ಹಾಕಿದರು, ಇನ್ನೊಂದು ಕೈಯಲ್ಲಿ ಕುರ್ಚಿ ಕಿತ್ತುಕೊಂಡರು. 1934ರ ಜನವರಿ 30ಕ್ಕೆ ರಾಜ್ಯಗಳ ಶಾಸನಸಭೆಗಳೇ ರದ್ದಾದವು. 1942ರ ನವೆಂಬರ್ ಹೊತ್ತಿಗೆ ಪ್ರತಿಯೊಬ್ಬ ಗೌಲೈಟರನೂ ತನ್ನ ಸೀಮೆಯ ರಕ್ಷಣಾ ಕಮಿಷನರ್ ಕೂಡ ಆಗಿದ್ದ. ಪಕ್ಷವೂ ಅವನೇ, ಸರ್ಕಾರವೂ ಅವನೇ. ಅವನ ಮೇಲೆ ದೂರು ಕೊಡಬೇಕೆಂದರೆ ಯಾರಿಗೆ ಕೊಡಬೇಕು? ಅವನಿಗೇ!

ಅವನ ಕೆಳಗೆ ಏಣಿಯ ಮೆಟ್ಟಿಲುಗಳು. ಜಿಲ್ಲೆಗೊಬ್ಬ ಕ್ರೈಸ್‌ಲೈಟರ್, ಊರಿಗೊಬ್ಬ, ಕೇರಿಗೊಬ್ಬ, ಕೊನೆಯಲ್ಲಿ ನಲವತ್ತರಿಂದ ಅರವತ್ತು ಮನೆಗಳಿಗೆ ಒಬ್ಬ ಬ್ಲಾಕ್‌ಲೈಟರ್. ಚಳಿಗಾಲದ ಬಡವರ ನಿಧಿಗೆ ಚಂದಾ ಎತ್ತುವವನು ಈ ಕೊನೆಯವನೇ. ಯಾರ ಮನೆ ಮುಂದೆ ಬಾವುಟ ಹಾರಲಿಲ್ಲ, ಯಾರು ಚಂದಾ ಕೊಡಲು ಗೊಣಗಿದರು ಅಂತ ನೋಡಿಕೊಳ್ಳುವವನೂ ಅವನೇ. ಮನೆಮನೆಯ ವಿವರದ ಕಾರ್ಡುಗಳು ಅವನ ಹತ್ತಿರ ಇದ್ದವು. ಇಲ್ಲಿ ಒಂದು ಕುತೂಹಲದ ಸಂಗತಿ ಇದೆ. ಜರ್ಮನ್ನರ ಆಡುಮಾತಿನಲ್ಲಿ ಇಂದಿಗೂ ಉಳಿದುಕೊಂಡಿರುವ ಬೈಗುಳ ಹೆಚ್ಚಾಗಿ 'ಬ್ಲಾಕ್‌ವಾರ್ಟ್', ಅಂದರೆ ಈ ಕೊನೆಯ ಮೆಟ್ಟಿಲಿನವನು, ಪಕ್ಕದ ಮನೆ ಕಿಟಕಿಗೆ ಕಣ್ಣಿಡುವವನು. ಗೌಲೈಟರ್ ಎಂಬ ಬೈಗುಳ ಸಲೀಸಾಗಿ ಓಡಾಡಿದ್ದು ಹೊರದೇಶಗಳಲ್ಲಿ. ಏಣಿಯ ಕೆಳಗೆ ಬದುಕಿದವರಿಗೆ ತಲೆಗೆ ತಾಗುವ ಮೆಟ್ಟಿಲೇ ನೆನಪಿರುತ್ತದೆ, ದೂರದಿಂದ ನೋಡಿದವರಿಗೆ ಏಣಿಯ ತುದಿ ಕಾಣುತ್ತದೆ.

ಈ ತುದಿಯಲ್ಲಿ ಕೂತವರು ಯಾರು? ಜಮೀನ್ದಾರರ ಮಕ್ಕಳು, ರಾಜವಂಶದವರು ಅಂತ ನಾವು ಅಂದುಕೊಂಡಿದ್ದೆವು. ಅಲ್ಲ. ನ್ಯೂರೆಂಬರ್ಗಿನ ಯೂಲಿಯಸ್ ಸ್ಟ್ರೈಷರ್ ಪ್ರಾಥಮಿಕ ಶಾಲೆಯ ಮೇಷ್ಟ್ರು. ಜೋಸೆಫ್ ಬ್ಯುರ್ಕೆಲ್ ಕೂಡ ಮೇಷ್ಟ್ರು. ಪೂರ್ವ ಪ್ರಷ್ಯದ ಎರಿಕ್ ಕೋಖ್ ರೈಲ್ವೆ ಗುಮಾಸ್ತ. ತುರಿಂಗಿಯದ ಫ್ರಿಟ್ಜ್ ಸೌಕೆಲ್ ಹಡಗಿನಲ್ಲಿ ದುಡಿದವನು. ಹಳ್ಳಿ ಶಾಲೆಯಲ್ಲಿ ಪಾಠ ಮಾಡುವ ಗೆಳೆಯರು ಇದನ್ನು ಓದುವಾಗ ಒಂದು ಗಳಿಗೆ ನಿಲ್ಲಬೇಕು. ನಮ್ಮ ಮನೆಗಳಲ್ಲಿ ಮೊದಲ ಸಲ ಕುರ್ಚಿ ಮೇಲೆ ಕೂರಲು ಹೊರಟಿರುವ ನಾವೂ ನಿಲ್ಲಬೇಕು. ಕೆಳಗಿನಿಂದ ಬಂದವನು ಕೆಳಗಿನವರ ನೋವು ಬಲ್ಲ ಎಂದು ನಾವು ಭಾಷಣಗಳಲ್ಲಿ ಹೇಳುತ್ತಲೇ ಇರುತ್ತೇವಲ್ಲ, ಆ ಮಾತಿಗೆ ಈ ಪಟ್ಟಿ ಒಂದು ಮುಳ್ಳು. ಸ್ಟ್ರೈಷರ್ 1923ರಿಂದ ಒಂದು ವಾರಪತ್ರಿಕೆ ನಡೆಸಿ ಯಹೂದಿಗಳ ಮೇಲೆ ವಾರವಾರವೂ ಹೊಲಸು ಸುರಿದ. 1940ರಲ್ಲಿ ಅವನನ್ನು ಅಧಿಕಾರದಿಂದ ಇಳಿಸಿದ್ದು ಇದಕ್ಕಲ್ಲ. ಯಹೂದಿಗಳಿಂದ ಕಿತ್ತುಕೊಂಡ ಆಸ್ತಿಯಲ್ಲಿ ಅವನ ಗುಂಪು ಬಾಚಿಕೊಂಡದ್ದರ ತನಿಖೆಯಾಗಿತ್ತು, ಪಕ್ಷದ ದೊಡ್ಡವರ ಜತೆ ಜಗಳವಾಗಿತ್ತು, ಅದಕ್ಕೆ. ಲೂಟಿ ತಪ್ಪಲ್ಲ, ಪಾಲು ತಪ್ಪಿದ್ದು ತಪ್ಪು!

ನಮ್ಮ ಎದೆಯಲ್ಲಿ ಕೂತುಬಿಟ್ಟ ಒಂದೆರಡು ಘಟನೆಗಳನ್ನು ಹೇಳುತ್ತೇವೆ. 1940ರ ಅಕ್ಟೋಬರ್ 22ರಂದು ಗೌಲೈಟರುಗಳಾದ ರಾಬರ್ಟ್ ವಾಗ್ನರ್ ಮತ್ತು ಬ್ಯುರ್ಕೆಲ್ ತಮ್ಮ ಸೀಮೆಗಳಲ್ಲಿದ್ದ ಆರೂವರೆ ಸಾವಿರ ಯಹೂದಿಗಳನ್ನು, ಮುದುಕರು ಮಕ್ಕಳೆನ್ನದೆ ರೈಲಿಗೆ ತುಂಬಿ ಫ್ರಾನ್ಸಿನ ದಕ್ಷಿಣದ ಗುರ್ಸ್ ಎಂಬ ಶಿಬಿರಕ್ಕೆ ತಳ್ಳಿದರು. ತಮ್ಮ ಗೌ 'ಶುದ್ಧ'ವಾಯಿತು ಎಂದು ಹೇಳಿಕೊಳ್ಳುವ ಚಪಲ. (ಶುದ್ಧ ಎಂಬ ಪದ ಕೇಳಿದರೆ ನಮಗೆ ಮೈ ಉರಿಯುವುದು ಯಾಕೆ ಅಂತ ನಿಮಗೆ ಬಿಡಿಸಿ ಹೇಳಬೇಕಾದ್ದಿಲ್ಲ.) 1941ರ ಸೆಪ್ಟೆಂಬರಿನಲ್ಲಿ ಹ್ಯಾಂಬರ್ಗಿನ ಮೇಲೆ ಬಾಂಬು ಬಿದ್ದು ಮನೆಗಳು ಹೋದವು. ಅಲ್ಲಿಯ ಗೌಲೈಟರ್ ಕಾರ್ಲ್ ಕೌಫ್‌ಮನ್, ಯಹೂದಿಗಳನ್ನು ಊರಿನಿಂದ ಸಾಗಿಸಿದರೆ ಮನೆ ಕಳೆದುಕೊಂಡವರಿಗೆ ಆ ಮನೆಗಳನ್ನು ಕೊಡಬಹುದು ಎಂದು ಹಿಟ್ಲರನಿಗೆ ಬರೆದ. ಮೇಲಿನಿಂದ ಆಜ್ಞೆ ಬಂದದ್ದಲ್ಲ ಇದು, ಕೆಳಗಿನಿಂದ ಹೋದ ಬಿನ್ನಹ. ಪೋಲೆಂಡಿನಿಂದ ಕಿತ್ತು ಸೇರಿಸಿಕೊಂಡ ವಾರ್ತೆಗೌ ಎಂಬ ಸೀಮೆಗೆ ಆರ್ಟುರ್ ಗ್ರೈಸರ್ ಗೌಲೈಟರ್. ಅವನ ಸೀಮೆಯ ಚೆಲ್ಮ್‌ನೊ ಎಂಬ ಹಳ್ಳಿಯಲ್ಲಿ 1941ರ ಡಿಸೆಂಬರಿನಿಂದ ಜನರನ್ನು ಮುಚ್ಚಿದ ಲಾರಿಗಳಿಗೆ ತುಂಬಿ, ಅದೇ ಲಾರಿಯ ಹೊಗೆಯನ್ನು ಒಳಕ್ಕೆ ಬಿಟ್ಟು ಕೊಂದರು. ಒಂದೂವರೆ ಲಕ್ಷಕ್ಕೂ ಹೆಚ್ಚು ಜನ. ಮೇಷ್ಟ್ರು ಶಹಭಾಸ್ ಅನ್ನಲಿ ಎಂದು ಹುಡುಗರು ನಾಮುಂದು ತಾಮುಂದು ಅಂತ ಕೈ ಎತ್ತುತ್ತಾರಲ್ಲ, ಹಾಗೆ ಈ ಗೌಲೈಟರುಗಳು ಕೈ ಎತ್ತಿದರು. ಹಡಗಿನ ಸೌಕೆಲ್ 1942ರಿಂದ ಕೂಲಿಯಾಳುಗಳನ್ನು ಒದಗಿಸುವ ಸರ್ವಾಧಿಕಾರಿಯಾಗಿ, ಗೆದ್ದ ದೇಶಗಳಿಂದ 50 ಲಕ್ಷಕ್ಕೂ ಹೆಚ್ಚು ಜನರನ್ನು ಜರ್ಮನಿಯ ಕಾರ್ಖಾನೆ, ಹೊಲಗಳಿಗೆ ಎಳೆದು ತಂದ. ಅದರಲ್ಲಿ ಬಹುಪಾಲು ಬಿಟ್ಟಿ ದುಡಿಮೆಯಂಥದ್ದೇ.

ಕೋಖನ ಕೊನೆ ಹೇಗಾಯಿತು ನೋಡಿ. ಉಕ್ರೇನನ್ನೂ ಆಳಿದ ಈತ, 1945ರ ಜನವರಿಯಲ್ಲಿ ಸೋವಿಯತ್ ಸೈನ್ಯ ಬಾಗಿಲಿಗೆ ಬಂದಾಗಲೂ ಪೂರ್ವ ಪ್ರಷ್ಯದ ಜನ ಊರು ಬಿಡಕೂಡದು ಎಂದು ತಡೆದ. ಕೊನೆಗೆ ಜನ ಹೆಪ್ಪುಗಟ್ಟಿದ ಹಿನ್ನೀರಿನ ಮೇಲೆ ಗಾಡಿ ಹೊಡೆದುಕೊಂಡು ಓಡಿದರು, ಮಂಜು ಒಡೆದು ಮುಳುಗಿದರು. ಏಪ್ರಿಲಿನಲ್ಲಿ ಅವನು ಮಾತ್ರ ಮಂಜು ಸೀಳುವ ಹಡಗು ಹತ್ತಿ ಪರಾರಿಯಾದ. ಬೇರೆ ಹೆಸರಿನಲ್ಲಿ ಬಚ್ಚಿಟ್ಟುಕೊಂಡಿದ್ದವನು 1949ರಲ್ಲಿ ಸಿಕ್ಕಿಬಿದ್ದ. ಪೋಲೆಂಡಿನಲ್ಲಿ 1959ರಲ್ಲಿ ಮರಣದಂಡನೆ ವಿಧಿಸಿದರು, ಜಾರಿಯಾಗಲಿಲ್ಲ. 1986ರಲ್ಲಿ ಜೈಲಿನಲ್ಲಿ ವಯಸ್ಸಾಗಿ ಸತ್ತ. ಗ್ರೈಸರ್, ಸ್ಟ್ರೈಷರ್, ಸೌಕೆಲ್ 1946ರಲ್ಲೇ ನೇಣಿಗೇರಿದ್ದರು.

ಇನ್ನು ಪದದ ಪ್ರಯಾಣ. ಸೋವಿಯತ್ ಜನ, ಆ ಹುದ್ದೆ ಇರಲಿ ಇಲ್ಲದಿರಲಿ, ತಮ್ಮ ಊರುಗಳನ್ನು ಆಳಲು ಬಂದ ನಾಜಿ ಮುಖ್ಯಸ್ಥರನ್ನೆಲ್ಲ ಗೌಲೈಟರ್ ಅಂದರು. ಫ್ರಾನ್ಸಿನ ಆಲ್ಸಾಸ್ ಸೀಮೆಯಲ್ಲಿ ಇದು ಬೈಗುಳವಲ್ಲ, ಮನುಷ್ಯನ ಗುರುತು: ಆ ವಾಗ್ನರನೇ. 1940ರಲ್ಲಿ ಆ ನಾಡನ್ನು ವಶಕ್ಕೆ ತೆಗೆದುಕೊಂಡ ಅವನು ಫ್ರೆಂಚ್ ಮಾತಾಡಬಾರದೆಂದ, ಫ್ರೆಂಚ್ ಹೆಸರುಗಳನ್ನು ಬದಲಿಸಿದ, ಫ್ರೆಂಚರ ಟೋಪಿಯನ್ನೂ ನಿಷೇಧಿಸಿದ. 1942ರಲ್ಲಿ ಅಲ್ಲಿಯ ಯುವಕರನ್ನು ಜರ್ಮನ್ ಸೈನ್ಯಕ್ಕೆ ಬಲವಂತವಾಗಿ ಸೇರಿಸಿದ, ಸುಮಾರು ಒಂದು ಲಕ್ಷ ಜನ. ಅಲ್ಲಿ ಅವರನ್ನು 'ನಮ್ಮ ಇಷ್ಟಕ್ಕೆ ವಿರುದ್ಧ ಹೋದವರು' ಎಂಬ ಅರ್ಥದ ಹೆಸರಿನಿಂದಲೇ ಕರೆಯುತ್ತಾರೆ. ಈ ಮನೆಗಳಲ್ಲಿ ಗೌಲೈಟರ್ ಪದವನ್ನು ಬಸ್ ಕಂಡಕ್ಟರಿಗೆ ಬಳಸಲು ನಾಲಗೆ ಹೊರಳುವುದಿಲ್ಲ.

ಬ್ರಿಟನ್ನಿನಲ್ಲಿ ಹೊರಳಿತು. ನಾಜಿ ಆಳ್ವಿಕೆ ಆ ದೇಶದ ಮುಖ್ಯ ನೆಲವನ್ನು ಮುಟ್ಟಿರಲಿಲ್ಲ. ಪದ ಪತ್ರಿಕೆಗಳ ಮೂಲಕ ಬಂತು, ಹಗುರವಾಗಿ ಬಂತು. ಚೀಟಿ ಕೇಳುವವನು, ನಿಯಮ ಹೇಳುವವನು, ಕಾರು ನಿಲ್ಲಿಸಬೇಡ ಅನ್ನುವವನು, ಎಲ್ಲರೂ ಗೌಲೈಟರುಗಳಾದರು. ಇದರಲ್ಲಿ ಜನರ ಸಿಟ್ಟಿದೆ, ಸರಿ. ಆದರೆ ಯಾರು ಯಾರನ್ನು ಹೀಗೆ ಕರೆಯುತ್ತಾರೆ ಎಂದೂ ಕೇಳಬೇಕಲ್ಲ? 1945ರ ಜೂನ್ 4ರ ರೇಡಿಯೋ ಭಾಷಣದಲ್ಲಿ ಚರ್ಚಿಲ್, ಲೇಬರ್ ಪಕ್ಷ ಅಧಿಕಾರಕ್ಕೆ ಬಂದರೆ ಒಂದು ಬಗೆಯ ಗೆಸ್ಟಾಪೊ ಬೇಕಾಗುತ್ತದೆ ಎಂದು ಹೆದರಿಸಿದ. ಜನ ನಂಬಲಿಲ್ಲ, ಅವನನ್ನು ಸೋಲಿಸಿದರು. ಆ ಲೇಬರ್ ಸರ್ಕಾರ 1948ರಲ್ಲಿ ತಂದದ್ದು ಎಲ್ಲರಿಗೂ ಪುಕ್ಕಟೆ ಆಸ್ಪತ್ರೆ. ಕಾರ್ಖಾನೆಯಲ್ಲಿ ಕೂಲಿಯ ಕೈ ಕತ್ತರಿಸದಿರಲಿ ಎಂದು ಯಂತ್ರಕ್ಕೆ ತಡೆ ಹಾಕಿಸುವ ಇನ್‌ಸ್ಪೆಕ್ಟರನೂ ಮಾಲೀಕನ ಬಾಯಲ್ಲಿ ಗೌಲೈಟರ್ ಆಗಬಲ್ಲ. ಇದು ಉಳ್ಳವರ ಹಳೇ ಚಾಳಿ.

2022ರಲ್ಲಿ ಪದ ಮತ್ತೆ ತನ್ನ ಹುಟ್ಟೂರಿನ ಹತ್ತಿರಕ್ಕೆ ನಡೆದು ಬಂತು. ರಷ್ಯದ ಸೈನ್ಯ ಹೊಕ್ಕ ಖೆರ್ಸಾನ್ ಮುಂತಾದ ಕಡೆ ರಷ್ಯ ಕೂರಿಸಿದ ಆಡಳಿತಗಾರರನ್ನು ಉಕ್ರೇನಿನ ಜನ, ಪತ್ರಿಕೆಗಳು ಗೌಲೈಟರ್ ಅಂದವು. ಕೋಖ್ ಆಳಿದ್ದ ನಾಡು ಅದು, ಅಜ್ಜಿಯರು ಹೇಳಿದ ಪದ ಮೊಮ್ಮಕ್ಕಳ ಬಾಯಿಗೆ ಬಂತು. ಅತ್ತ ರಷ್ಯದ ಸರ್ಕಾರ ತಾನು ನಾಜಿಗಳ ಮೇಲೆ ಯುದ್ಧ ಮಾಡುತ್ತಿದ್ದೇನೆ ಎಂದು ಹೇಳಿಕೊಂಡಿತು.

ಕನ್ನಡಕ್ಕೆ ಹಿಟ್ಲರ್ ಬಂದ, ಗೌಲೈಟರ್ ಬರಲಿಲ್ಲ. ನಮಗೆ ಬೇಕಾಗಿರಲಿಲ್ಲವೇನೋ. 'ಪಾಳೇಗಾರ' ಇದ್ದನಲ್ಲ! ಅದೂ ಹೀಗೇ ಒಂದು ಸೀಮೆ ಆಳುವವನ ಪದವಿ, ಈಗ ಬೈಗುಳ. ಪಾಳೇಗಾರಿಕೆ ಮಾಡ್ತಾನೆ ಅಂದರೆ ಯಾವ ಹಳ್ಳಿಯಲ್ಲೂ ಅರ್ಥ ಬಿಡಿಸಿ ಹೇಳಬೇಕಿಲ್ಲ.

ಹಾಸ್ಟೆಲಿಗೆ ಬರೋಣ. ವಾರ್ಡನ್ ಮಾಡಿದ್ದು ಕಡಿಮೆಯೇನಲ್ಲ. ಬೇಳೆ ನೀರಾಯಿತು, ಅಕ್ಕಿ ಮೂಟೆ ರಾತ್ರಿ ಹೊತ್ತು ಹೊರಗೆ ಹೋಯಿತು, ಸ್ಕಾಲರ್‌ಶಿಪ್ ಫಾರಮ್ಮಿಗೆ ಸಹಿ ಹಾಕದೆ ನಮ್ಮನ್ನು ಮೂರು ದಿನ ಬಾಗಿಲ ಹೊರಗೆ ನಿಲ್ಲಿಸಿದ. ಇವೆಲ್ಲ ಓದಿಕೊಂಡ ಮೇಲೆ ನಮ್ಮೊಳಗೇ ಜಗಳ ಹತ್ತಿತು. ಅವನು ಗೌಲೈಟರ್ ಹೌದೋ ಅಲ್ಲವೋ? ಒಬ್ಬ ಹೌದೆಂದ: ನಮ್ಮನ್ನು ಮನುಷ್ಯರೆಂದು ಎಣಿಸಲಿಲ್ಲವಲ್ಲ, ಇನ್ನೇನು ಬೇಕು? ಇನ್ನೊಬ್ಬ ಅಂದ: ಲೇ, ಗೌಲೈಟರಿನ ಮೇಲೆ ಅರ್ಜಿ ಬರೆಯೋಕಾಗುತ್ತಿತ್ತಾ? ಆ ಮಾತಿಗೆ ಎಲ್ಲರೂ ಸುಮ್ಮನಾದೆವು. ಆಮೇಲೆ ಅರ್ಜಿ ಬರೆದೆವು. ನಲವತ್ತೊಂದು ಸಹಿ. ಬೈಗುಳದ ಪದ ಒಂದನ್ನೂ ಹಾಕಲಿಲ್ಲ, ಅಕ್ಕಿ ಎಷ್ಟು ಬಂತು, ಎಷ್ಟು ಬೆಂದಿತು ಅಂತ ತಾರೀಖು ಹಾಕಿ ಬರೆದೆವು. ಎರಡು ತಿಂಗಳಾದ ಮೇಲೆ ಅವನಿಗೆ ವರ್ಗವಾಯಿತು, ಪಕ್ಕದ ತಾಲೂಕಿನ ಇನ್ನೊಂದು ಹಾಸ್ಟೆಲಿಗೆ. ಅಲ್ಲಿಯ ಹುಡುಗರು ಅವನನ್ನು ಹಿಟ್ಲರ್ ಅಂತ ಕರೀತಾರಂತೆ. ನಮ್ಮ ಅರ್ಜಿಯ ನಕಲನ್ನು ಅವರಿಗೆ ಕಳಿಸಿದ್ದೇವೆ.