ಡಿಸ್ಕಿನ ಯಜಮಾನಿಕೆ ಯಾರದು?

ಡಿಸ್ಕ್, ಮೆಮೊರಿ, ಪ್ರೊಸೆಸರ್‌ಗಳನ್ನು ಪ್ರೋಗ್ರಾಂಗಳಿಗೆ ಹಂಚಿಕೊಡುವುದು ಆಪರೇಟಿಂಗ್ ಸಿಸ್ಟಮ್‌ನ ಕೆಲಸ. ಮಾಹಿತಿಯನ್ನು ಕೆಡದಂತೆ ಕಾಪಾಡಿ, ಕೇಳಿದಾಗ ಹುಡುಕಿಕೊಡುವುದು ಡೇಟಾಬೇಸ್‌ನ ಕೆಲಸ. ಪಠ್ಯಪುಸ್ತಕಗಳಲ್ಲಿ ಇವೆರಡೂ ಬೇರೆ ಬೇರೆ. ಆದರೆ ಇತಿಹಾಸವನ್ನು ಒಟ್ಟಿಗೆ ಓದಿದರೆ, ಡಿಸ್ಕಿಗೆ ಏನನ್ನು ಯಾವಾಗ ಬರೆಯಬೇಕು ಎಂಬ ಅಧಿಕಾರಕ್ಕಾಗಿ ಇವುಗಳ ನಡುವೆ ದಶಕಗಳಿಂದ ಹಗ್ಗಜಗ್ಗಾಟ ನಡೆದಿರುವುದು ಕಾಣುತ್ತದೆ.

1964ರಲ್ಲಿ ಐಬಿಎಂ ಸಿಸ್ಟಮ್/360 ಸರಣಿಯನ್ನು ಪ್ರಕಟಿಸಿತು. ಅಪೊಲೊ ಯೋಜನೆಯ ಬಿಡಿಭಾಗಗಳ ಪಟ್ಟಿಯನ್ನು ನಿಭಾಯಿಸಲು ಹುಟ್ಟಿದ ಐಎಂಎಸ್ ಡೇಟಾಬೇಸ್ ಓಡಿದ್ದು ಈ ಯಂತ್ರಗಳ ಮೇಲೆಯೇ. ಅದೇ ದಶಕದಲ್ಲಿ ಜನರಲ್ ಎಲೆಕ್ಟ್ರಿಕ್‌ನ ಚಾರ್ಲ್ಸ್ ಬಾಕ್‌ಮನ್ ಐಡಿಎಸ್ ಎಂಬ ಡೇಟಾಬೇಸ್ ರೂಪಿಸಿದರು. ಎರಡರಲ್ಲೂ ಒಂದು ದಾಖಲೆಯಿಂದ ಇನ್ನೊಂದಕ್ಕೆ ಹೋಗುವ ದಾರಿಯನ್ನು ಪ್ರೋಗ್ರಾಮರೇ ತಿಳಿದಿರಬೇಕಿತ್ತು. ಜೋಡಣೆ ಬದಲಾದರೆ ಪ್ರೋಗ್ರಾಂ ತಿದ್ದಬೇಕಿತ್ತು.

ಐಬಿಎಂನವರೇ ಆದ ಎಡ್ಗರ್ ಕಾಡ್ 1970ರಲ್ಲಿ ಈ ಕಟ್ಟನ್ನು ಬಿಚ್ಚಿದರು. ಮಾಹಿತಿ ಕೋಷ್ಟಕಗಳಲ್ಲಿರಲಿ, ಬಳಕೆದಾರ ಏನು ಬೇಕೆಂದಷ್ಟೇ ಹೇಳಲಿ, ದಾರಿಯನ್ನು ಯಂತ್ರ ಹುಡುಕಲಿ ಎಂಬುದು ಅವರ ವಾದ. ಅದನ್ನು ಆಚರಣೆಗೆ ತಂದದ್ದು ಐಬಿಎಂನ ಸಿಸ್ಟಮ್ ಆರ್ ಮತ್ತು ಬರ್ಕ್ಲಿ ವಿಶ್ವವಿದ್ಯಾಲಯದ ಇಂಗ್ರೆಸ್. ಇದೇ ಮಾದರಿಯ ಒರಾಕಲ್ ಡೇಟಾಬೇಸ್ 1979ರಲ್ಲಿ ಮಾರುಕಟ್ಟೆಗೆ ಬಂತು. ಇಂಥ ಕೋಷ್ಟಕಗಳಿಂದ ಮಾಹಿತಿ ಕೇಳುವ ಭಾಷೆಯಾದ ಎಸ್‌ಕ್ಯೂಎಲ್ 1986ರಲ್ಲಿ ಅಮೆರಿಕದ ಮಾನಕವಾಯಿತು.

ಅತ್ತ ಬೆಲ್ ಲ್ಯಾಬ್ಸ್‌ನಲ್ಲಿ ಕೆನ್ ಥಾಂಪ್ಸನ್, ಡೆನಿಸ್ ರಿಚಿ 1969ರಲ್ಲಿ ಯುನಿಕ್ಸ್ ಆಪರೇಟಿಂಗ್ ಸಿಸ್ಟಮ್ ಆರಂಭಿಸಿದ್ದರು. ಅದರ ಪಾಲಿಗೆ ಫೈಲ್ ಎಂದರೆ ಬೈಟ್‌ಗಳ ಸಾಲು, ಅಷ್ಟೆ. ಈ ಸರಳತೆಗೆ ಪ್ರೋಗ್ರಾಮರ್‌ಗಳು ಮನಸೋತರು, ಡೇಟಾಬೇಸ್ ಕಟ್ಟುವವರು ಪರದಾಡಿದರು. ಯುನಿಕ್ಸ್ ಮೇಲೆ ಇಂಗ್ರೆಸ್ ಕಟ್ಟಿದ್ದ ಮೈಕೆಲ್ ಸ್ಟೋನ್‌ಬ್ರೇಕರ್ 1981ರ ಲೇಖನವೊಂದರಲ್ಲಿ ತಕರಾರುಗಳನ್ನು ಪಟ್ಟಿಮಾಡಿದರು. ಮಾಹಿತಿಯ ಯಾವ ತುಣುಕು (ಪುಟ) ಮುಂದೆ ಬೇಕಾಗುತ್ತದೆಂಬುದು ಡೇಟಾಬೇಸ್‌ಗೆ ಗೊತ್ತು, ಆದರೆ ಮೆಮೊರಿಯಿಂದ ಯಾವುದನ್ನು ತೆಗೆಯಬೇಕೆಂದು ತೀರ್ಮಾನಿಸುವುದು ಆಪರೇಟಿಂಗ್ ಸಿಸ್ಟಮ್. ವಹಿವಾಟಿನ ಲಾಗ್, ಅಂದರೆ ಬದಲಾವಣೆಗಳ ದಾಖಲೆ, ಮೊದಲು ಡಿಸ್ಕಿಗೆ ಸೇರಬೇಕು, ಆದರೆ ವೇಗದ ಆಸೆಗೆ ಆಪರೇಟಿಂಗ್ ಸಿಸ್ಟಮ್ ಬರವಣಿಗೆಯನ್ನು ಮುಂದೂಡುತ್ತದೆ. ಹಾಗಾಗಿ ದೊಡ್ಡ ಡೇಟಾಬೇಸ್‌ಗಳು ಮೆಮೊರಿಯಲ್ಲಿ ತಮ್ಮದೇ ತಾತ್ಕಾಲಿಕ ಸಂಗ್ರಹ (ಬಫರ್) ಇಟ್ಟುಕೊಂಡವು. ಕೆಲವು ಫೈಲ್ ವ್ಯವಸ್ಥೆಯನ್ನೇ ಬಿಟ್ಟು ಬರಿಯ ಡಿಸ್ಕಿಗೆ ನೇರವಾಗಿ ಬರೆದವು.

1991ರಲ್ಲಿ ಲಿನಕ್ಸ್ ಆಪರೇಟಿಂಗ್ ಸಿಸ್ಟಮ್, 1995ರಲ್ಲಿ ಮೈಎಸ್‌ಕ್ಯೂಎಲ್ ಡೇಟಾಬೇಸ್ ಬಂದವು. ಇಂಗ್ರೆಸ್ ಪರಂಪರೆಯ ಪೋಸ್ಟ್‌ಗ್ರೆಸ್‌ಗೆ 1996ರಲ್ಲಿ ಪೋಸ್ಟ್‌ಗ್ರೆಎಸ್‌ಕ್ಯೂಎಲ್ ಎಂಬ ಹೆಸರು ಬಂತು. ಅದು ಆಪರೇಟಿಂಗ್ ಸಿಸ್ಟಮ್‌ನ ತಾತ್ಕಾಲಿಕ ಸಂಗ್ರಹವನ್ನೇ (ಕ್ಯಾಶ್) ಬಹುಪಾಲು ನೆಚ್ಚಿಕೊಂಡಿತ್ತು. ಆ ನಂಬಿಕೆಗೆ 2018ರಲ್ಲಿ ಪೆಟ್ಟು ಬಿತ್ತು: ಡಿಸ್ಕ್ ಬರವಣಿಗೆ ವಿಫಲವಾದರೆ ಲಿನಕ್ಸ್ ಅದನ್ನು ಒಮ್ಮೆ ತಿಳಿಸಿ, ಆ ಪುಟ ಬರೆದಾಯಿತೆಂದೇ ಗುರುತು ಹಾಕಿಕೊಳ್ಳಬಹುದಿತ್ತು, ಮತ್ತೆ ಪ್ರಯತ್ನಿಸಿದರೆ ಯಶಸ್ವಿ ಎಂಬ ಉತ್ತರ ಬರುತ್ತಿತ್ತು. ಈಗ ಅಂಥ ದೋಷ ಕಂಡೊಡನೆ ಪೋಸ್ಟ್‌ಗ್ರೆಎಸ್‌ಕ್ಯೂಎಲ್ ತನ್ನನ್ನು ತಾನೇ ನಿಲ್ಲಿಸಿ, ಲಾಗ್‌ನಿಂದ ಚೇತರಿಸಿಕೊಳ್ಳುತ್ತದೆ.

ಇಂದು ಎಸ್‌ಕ್ಯೂಲೈಟ್ ಎಂಬ ಪುಟ್ಟ ಡೇಟಾಬೇಸ್ ನಮ್ಮ ಫೋನುಗಳ ಒಳಗಿದೆ. ಗೂಗಲ್‌ನ ಸ್ಪ್ಯಾನರ್ ಡೇಟಾಬೇಸ್ ಖಂಡಾಂತರಗಳಿಗೆ ಹರಡಿದೆ. ಗಾತ್ರ ಏನೇ ಇರಲಿ, ಹಳೆಯ ವ್ಯಾಜ್ಯ ತೀರಿಲ್ಲ. ಆಪರೇಟಿಂಗ್ ಸಿಸ್ಟಮ್ ಎಲ್ಲ ಪ್ರೋಗ್ರಾಂಗಳಿಗೂ ಸರಾಸರಿಯಾಗಿ ಒಪ್ಪುವ ತೀರ್ಮಾನ ಮಾಡುತ್ತದೆ. ಒಂದು ಸಾಲೂ ಕಳೆಯದೆಂದು ಮಾತು ಕೊಟ್ಟ ಡೇಟಾಬೇಸ್‌ಗೆ ಸರಾಸರಿ ಸಾಲದು.