ರಾಣಿವಾಸದ ರಾಜಕಾರಣ: ಟ್ಯೂಡರ್ ಆಸ್ಥಾನದ ಸ್ತ್ರೀಯರನ್ನು ಚರಿತ್ರೆ ಓದಿದ ಬಗೆ

ಇಂಗ್ಲೆಂಡನ್ನು 1509ರಿಂದ 1547ರವರೆಗೆ ಆಳಿದ ಟ್ಯೂಡರ್ ವಂಶದ ಎಂಟನೆಯ ಹೆನ್ರಿಗೆ ಆರು ಜನ ಹೆಂಡಿರು. ಇಬ್ಬರ ತಲೆ ಹೋಯಿತು, ಇಬ್ಬರ ಮದುವೆ ರದ್ದಾಯಿತು, ಒಬ್ಬಳು ಬಾಣಂತಿಯಾಗಿದ್ದಾಗಲೇ ತೀರಿಕೊಂಡಳು, ಒಬ್ಬಳು ಅವನ ನಂತರವೂ ಬದುಕಿದಳು. ಅವರ ಬಗ್ಗೆ ನೂರಾರು ಪುಸ್ತಕಗಳು ಬಂದಿದ್ದರೂ ಸಾಮಾನ್ಯ ಓದುಗರ ಮನಸ್ಸಿನಲ್ಲಿ ಉಳಿದಿರುವುದು ಇಷ್ಟೇ. ಆ ಆಸ್ಥಾನದ ರಾಣಿಯರೂ ಶ್ರೀಮಂತ ಮನೆತನದ ಹೆಂಗಸರೂ ದಿನವಿಡೀ ಏನು ಮಾಡುತ್ತಿದ್ದರು, ಅದರಿಂದ ರಾಜ್ಯಕ್ಕೆ ಏನಾಗುತ್ತಿತ್ತು ಎಂಬ ಪ್ರಶ್ನೆ ಗಂಭೀರ ಅಧ್ಯಯನವಾಗಲು ಒಂದೂವರೆ ಶತಮಾನವೇ ಹಿಡಿಯಿತು. ಈ ಅಧ್ಯಯನ ಮುಂದೆ ಸಾಗಿದ್ದು ಆ ಹೆಂಗಸರ ಮೇಲೆ ವಿದ್ವಾಂಸರ ಕನಿಕರ ಹೆಚ್ಚಿದ್ದರಿಂದಲ್ಲ. ಮನೆವಾರ್ತೆಯ ಕಾಗದವೆಂದು ಬದಿಗಿಟ್ಟದ್ದನ್ನು ರಾಜ್ಯದ ಕಾಗದವೆಂದು ಓದಲು ಕಲಿತದ್ದರಿಂದ ಎಂಬುದು ಈ ಲೇಖನದ ವಾದ.

ಮೊದಲ ಹೆಜ್ಜೆ ಇಟ್ಟವರು ವಿಶ್ವವಿದ್ಯಾಲಯದ ಬಾಗಿಲು ತೆರೆಯದಿದ್ದ ಕಾಲದ ಹೆಂಗಸರೇ. ಆಗ್ನೆಸ್ ಸ್ಟ್ರಿಕ್‌ಲ್ಯಾಂಡ್ ಮತ್ತು ಅವಳ ಅಕ್ಕ ಎಲಿಜಬೆತ್ 1840ರಿಂದ 1848ರವರೆಗೆ ಇಂಗ್ಲೆಂಡಿನ ರಾಣಿಯರ ಚರಿತ್ರೆಯನ್ನು 12 ಸಂಪುಟಗಳಲ್ಲಿ ಹೊರತಂದರು. ಅರ್ಧದಷ್ಟು ಬರೆದ ಅಕ್ಕ ಮುಖಪುಟದಲ್ಲಿ ತನ್ನ ಹೆಸರು ಬೇಡವೆಂದಳು. ಅವರ ಬರವಣಿಗೆಯಲ್ಲಿ ಭಾವುಕತೆ ಇದೆ, ರಾಣಿಯರನ್ನು ಒಳ್ಳೆಯವರು ಕೆಟ್ಟವರು ಎಂದು ವಿಂಗಡಿಸುವ ಆತುರವೂ ಇದೆ. ಆದರೆ ದಂತಕಥೆ ಸಾಲದು, ಮೂಲ ಪತ್ರವೇ ಬೇಕು ಎಂದು ಅವರು ಹಟ ಹಿಡಿದದ್ದು ದೊಡ್ಡ ಮಾತು. 1846ರಲ್ಲಿ ಮೇರಿ ಆನ್ ಎವರೆಟ್ ಗ್ರೀನ್ ರಾಜಮನೆತನದ ಮತ್ತು ಗಣ್ಯ ಸ್ತ್ರೀಯರ ಪತ್ರಗಳನ್ನು ಮೂರು ಸಂಪುಟಗಳಲ್ಲಿ ಪ್ರಕಟಿಸಿದಳು. ಈ ಮೂವರೂ ತೆರೆದ ದಾರಿಯನ್ನು ಮುಂದಿನ ತಲೆಮಾರಿನ ವೃತ್ತಿಪರ ಇತಿಹಾಸಕಾರರು ಹವ್ಯಾಸಿಗಳ ಕೆಲಸವೆಂದು ಕಡೆಗಣಿಸಿದರು.

ಇಪ್ಪತ್ತನೆಯ ಶತಮಾನದ ನಡುವೆ ಟ್ಯೂಡರ್ ಚರಿತ್ರೆಯೆಂದರೆ ಆಡಳಿತ ಯಂತ್ರದ ಚರಿತ್ರೆ ಎಂಬ ನಂಬಿಕೆ ಗಟ್ಟಿಯಾಯಿತು. ಜೆಫ್ರಿ ಎಲ್ಟನ್ 1953ರ ತನ್ನ ಪ್ರಸಿದ್ಧ ಗ್ರಂಥದಲ್ಲಿ, ಹೆನ್ರಿಯ ಮಂತ್ರಿ ಥಾಮಸ್ ಕ್ರಾಮ್‌ವೆಲ್ ರಾಜನ ಮನೆಯಿಂದ ಸರ್ಕಾರವನ್ನು ಬಿಡಿಸಿ ಕಚೇರಿಗಳ ಕೈಗೆ ಕೊಟ್ಟನೆಂದು ವಾದಿಸಿದ. ಮನೆಯೇ ರಾಜಕೀಯದಿಂದ ಹೊರಗಾದರೆ ಮನೆಯೊಳಗಿನ ಹೆಂಗಸರು ತಾವಾಗಿಯೇ ಹೊರಗಾಗುತ್ತಾರೆ. ಗ್ಯಾರೆಟ್ ಮ್ಯಾಟಿಂಗ್ಲಿ 1941ರಲ್ಲೇ ಬರೆದ, ಹೆನ್ರಿಯ ಮೊದಲ ಹೆಂಡತಿ ಅರಗಾನಿನ ಕ್ಯಾಥರೀನಳ ಜೀವನಚರಿತ್ರೆ ಬೇರೆಯದೇ ಚಿತ್ರ ಕೊಟ್ಟಿತ್ತು. ಆಕೆ ರಾಣಿಯಾಗುವ ಮೊದಲೇ, 1507ರಲ್ಲಿ, ತಂದೆ ಫರ್ಡಿನಾಂಡನ ರಾಯಭಾರಿಯಾಗಿದ್ದಳು. 1513ರಲ್ಲಿ ಹೆನ್ರಿ ಫ್ರಾನ್ಸಿಗೆ ದಂಡೆತ್ತಿ ಹೋದಾಗ ರಾಜ್ಯದ ಹೊಣೆ ಅವಳದಾಗಿತ್ತು. ಫ್ಲಾಡನ್ ಕಾಳಗದಲ್ಲಿ ಸತ್ತ ಸ್ಕಾಟ್ಲೆಂಡಿನ ದೊರೆಯ ರಕ್ತಸಿಕ್ತ ಅಂಗಿಯನ್ನು ಗಂಡನಿಗೆ ವಿಜಯದ ಗುರುತಾಗಿ ಕಳಿಸಿದಳು. ಇಷ್ಟೆಲ್ಲ ತಿಳಿದ ಮೇಲೂ ಅವಳನ್ನು ಅಪವಾದವೆಂದು ಎಣಿಸಿದರೇ ಹೊರತು, ನಿಯಮವೇ ತಪ್ಪಿರಬಹುದೆಂದು ಯಾರೂ ಅನುಮಾನಿಸಲಿಲ್ಲ.

ಅನುಮಾನ ಬಂದದ್ದು ಸ್ತ್ರೀವಾದಿ ಚಿಂತನೆಯಿಂದ. ಪುನರುಜ್ಜೀವನ ಕಾಲದ ಇಟಲಿಯಲ್ಲಿ ಹೆಣ್ಣು ಗಂಡಿಗೆ ಸಮಾನಳಾಗಿದ್ದಳೆಂದು ಯಾಕೊಬ್ ಬುರ್ಕ್‌ಹಾರ್ಟ್ 1860ರಲ್ಲಿ ಬರೆದಿದ್ದ. 1977ರಲ್ಲಿ ಜೋನ್ ಕೆಲಿ, ಹೆಂಗಸರಿಗೆ ಪುನರುಜ್ಜೀವನವೆಂಬುದು ಇತ್ತೇ ಎಂದು ನೇರವಾಗಿ ಕೇಳಿ, ಇಲ್ಲವೆಂದೇ ಉತ್ತರಿಸಿದಳು. ಗಂಡಸರಿಗೆ ದಾರಿ ತೆರೆದ ಅದೇ ಕಾಲ ಹೆಂಗಸರ ಆಸ್ತಿಯನ್ನೂ ಅಧಿಕಾರವನ್ನೂ ಸ್ವಾತಂತ್ರ್ಯವನ್ನೂ ಕಿರಿದಾಗಿಸಿತು ಎಂಬುದು ಅವಳ ನಿಲುವು. ಈ ಪ್ರಶ್ನೆಯ ಉಪಕಾರವನ್ನು ಮರೆಯುವಂತಿಲ್ಲ. ಆದರೆ ಅವಳ ಉತ್ತರಕ್ಕೆ ಒಂದು ಮಿತಿಯಿತ್ತು: ಅಧಿಕಾರವೆಂದರೆ ಪದವಿ, ಸಿಂಹಾಸನ, ಕಾನೂನು ಎಂಬ ಹಳೆಯ ಅಳತೆಗೋಲನ್ನೇ ಅವಳೂ ಹಿಡಿದಿದ್ದಳು. ಅಳತೆಗೋಲು ಬದಲಾಗಲು ಆಸ್ಥಾನದ ಕಲ್ಪನೆಯೇ ಬದಲಾಗಬೇಕಿತ್ತು. ಡೇವಿಡ್ ಸ್ಟಾರ್ಕಿ ಮತ್ತವನ ಸಂಗಡಿಗರು ಆ ಕೆಲಸ ಮಾಡಿದರು. ರಾಜನ ಶಯನಗೃಹದ ಸೇವಕರೇ ಅವನ ನಂಬುಗೆಯ ರಾಜಕಾರಣಿಗಳು, ದೇಹದ ಸಾಮೀಪ್ಯವೇ ಪ್ರಭಾವದ ಮೂಲ ಎಂದು ಅವರು ತೋರಿಸಿದರು. ಆದರೂ ಅವರ 1987ರ ಸಂಕಲನದಲ್ಲಿ ಪ್ಯಾಮ್ ರೈಟ್, ಮೊದಲನೆಯ ಎಲಿಜಬೆತ್ ರಾಣಿಯ ಸುತ್ತಲಿನ ಸ್ತ್ರೀಯರು ರಾಜಕೀಯದಿಂದ ದೂರವೇ ಉಳಿದರೆಂದು ಬರೆದಳು. ಗಂಡಸು ಅಂಗಿ ತೊಡಿಸಿದರೆ ರಾಜಕಾರಣ, ಹೆಂಗಸು ತೊಡಿಸಿದರೆ ಬರಿಯ ಊಳಿಗ ಎಂಬ ಈ ಭೇದವನ್ನು ನಟಾಲಿ ಮಿಯರ್ಸ್ ಮೊದಲಾದವರು ಆಮೇಲೆ ಪ್ರಶ್ನಿಸಿದರು.

ಭೇದವನ್ನು ಒಡೆಯುವ ಸಾಮಗ್ರಿ ಅಷ್ಟು ಹೊತ್ತಿಗೆ ಅಚ್ಚಾಗಿತ್ತು. ಮ್ಯೂರಿಯಲ್ ಸೇಂಟ್ ಕ್ಲೇರ್ ಬರ್ನ್ ದಶಕಗಟ್ಟಲೆ ದುಡಿದು 1981ರಲ್ಲಿ ಆರು ಸಂಪುಟಗಳಲ್ಲಿ ತಂದ ಲೈಲ್ ಕುಟುಂಬದ ಪತ್ರಗಳು ಈ ಕ್ಷೇತ್ರದ ತಿರುವು. ಆರ್ಥರ್ ಲೈಲ್ 1533ರಿಂದ 1540ರವರೆಗೆ ಇಂಗ್ಲಿಷರ ವಶದಲ್ಲಿದ್ದ ಕ್ಯಾಲೆಯ ಅಧಿಕಾರಿ. ಆನರ್ ಅವನ ಹೆಂಡತಿ. ಮೊದಲ ಗಂಡನಿಂದ ಪಡೆದ ಹೆಣ್ಣುಮಕ್ಕಳಲ್ಲಿ ಒಬ್ಬಳನ್ನು ರಾಣಿಯ ಸೇವೆಗೆ ಸೇರಿಸಬೇಕೆಂಬುದು ಆನರಳ ಆಸೆ. 1537ರ ಬೇಸಿಗೆಯಲ್ಲಿ ಬಸುರಿ ರಾಣಿ ಜೇನ್ ಸೀಮೋರಳಿಗೆ ಲಾವಕ್ಕಿಯ ಬಯಕೆ. ಆನರ್ ಕ್ಯಾಲೆಯಿಂದ ಹಕ್ಕಿಗಳನ್ನು ಕಳಿಸಿದಳು. ಅವನ್ನು ಊಟ ಮಾಡುತ್ತಿದ್ದಾಗಲೇ ರಾಣಿಯ ಬಳಿ ಇದ್ದ ಇಬ್ಬರು ಕೌಂಟೆಸರು ಆನರಳ ಮಕ್ಕಳ ಮಾತೆತ್ತಿದರು. ಹೆಣ್ಣುಮಕ್ಕಳಲ್ಲಿ ಇಬ್ಬರನ್ನು ಕಳಿಸಲಿ, ಅವರಲ್ಲಿ ಒಬ್ಬಳನ್ನು ಆರಿಸಿಕೊಳ್ಳುತ್ತೇನೆಂದು ರಾಣಿ ಒಪ್ಪಿದಳು. ಆರಿಸಿದ್ದು ಆನ್ ಬಾಸೆಟ್ಟಳನ್ನು. ಅವಳು ಫ್ರೆಂಚ್ ಉಡುಪಿನಲ್ಲಿ ಬಂದಾಗ ತಲೆಯುಡುಗೆ ಇಂಗ್ಲಿಷ್ ಮಾದರಿಯದಾಗಬೇಕೆಂದು ರಾಣಿಯ ಅಪ್ಪಣೆಯಾಯಿತು. ಹುಡುಗಿಗೆ ಅದು ಒಪ್ಪುವುದಿಲ್ಲ, ಆದರೆ ರಾಣಿಯ ಮಾತು ನಡೆಯಲೇಬೇಕು ಎಂದು ಲೈಲರ ಕಾರ್ಯಭಾರಿ ಜಾನ್ ಹ್ಯೂಸಿ ತಾಯಿಗೆ ಬರೆದ. ಮುಂದೆ ಅದೇ ಮಗಳ ಕೈಯಿಂದ ತಾಯಿಯ ಹಣ್ಣಿನ ಮುರಬ್ಬ ರಾಜನಿಗೆ ತಲುಪಿತು, ರಾಜ ಮೆಚ್ಚಿಕೊಂಡ ಸುದ್ದಿ ಹಿಂದಿರುಗಿ ಬಂತು. ಲಾವಕ್ಕಿ, ತಲೆಯುಡುಗೆ, ಮುರಬ್ಬ ಇವೆಲ್ಲ ಅಡುಗೆಮನೆಯ ಸುದ್ದಿಯಂತೆ ಕಂಡರೂ, ಗಂಡನ ಸಾಲ, ಜಮೀನಿನ ವ್ಯಾಜ್ಯ, ರಾಜನ ಕೃಪೆ ಎಲ್ಲಕ್ಕೂ ದಾರಿ ಇವುಗಳ ಮೂಲಕವೇ ಹೋಗುತ್ತಿತ್ತು.

ಈ ಬಿಡಿ ನೋಟವನ್ನು ಸಿದ್ಧಾಂತವಾಗಿ ಬೆಳೆಸಿದವಳು ಬಾರ್ಬರಾ ಹ್ಯಾರಿಸ್. 1990ರ ಲೇಖನದಲ್ಲೂ 1450ರಿಂದ 1550ರವರೆಗಿನ ಗಣ್ಯ ಸ್ತ್ರೀಯರನ್ನು ಕುರಿತ 2002ರ ಗ್ರಂಥದಲ್ಲೂ ಅವಳು ಹೇಳಿದ್ದು ಇದು: ಹೆಂಡತಿ, ತಾಯಿ, ವಿಧವೆ ಎಂಬ ಸ್ಥಾನಗಳೇ ಅವರ ವೃತ್ತಿ. ಸಂಬಂಧ ಕುದುರಿಸುವುದು, ಎಸ್ಟೇಟು ನೋಡಿಕೊಳ್ಳುವುದು, ಉಯಿಲು ಜಾರಿ ಮಾಡುವುದು, ಮಕ್ಕಳನ್ನು ಆಸ್ಥಾನಕ್ಕೆ ಸೇರಿಸುವುದು ಆ ವೃತ್ತಿಯ ಕೆಲಸ. ಗಂಡನಿರುವ ಹೆಣ್ಣಿಗೆ ಆಸ್ತಿಯ ಮೇಲೆ ಸ್ವತಂತ್ರ ಹಕ್ಕಿಲ್ಲವೆಂದು ಇಂಗ್ಲೆಂಡಿನ ಕಾನೂನು ಹೇಳುತ್ತಿತ್ತು. ರಾಣಿ ಇದಕ್ಕೆ ಹೊರತು. ಅವಳಿಗೆ ತನ್ನದೇ ಜಮೀನು, ತನ್ನದೇ ಅಧಿಕಾರಿಗಳು, ತನ್ನದೇ ಸಲಹಾ ಮಂಡಳಿ ಇದ್ದವು. 2006ರಲ್ಲಿ ಜೇಮ್ಸ್ ಡೇಬೆಲ್ ಟ್ಯೂಡರ್ ಕಾಲದ ಹೆಂಗಸರ ಪತ್ರಗಳನ್ನು ದೊಡ್ಡ ಪ್ರಮಾಣದಲ್ಲಿ ಪರಿಶೀಲಿಸಿ ಗ್ರಂಥ ಬರೆದ ಮೇಲೆ, ಆನರ್ ಲೈಲ್ ಒಂಟಿ ಉದಾಹರಣೆಯೆಂದು ಹೇಳುವುದು ಕಷ್ಟವಾಯಿತು.

ಆಕ್ಷೇಪಗಳು ಇಲ್ಲದಿಲ್ಲ. ಲೈಲ್ ಪತ್ರಗಳು ನಮಗೆ ಉಳಿದದ್ದೇ 1540ರಲ್ಲಿ ಗಂಡ ಸೆರೆಯಾಗಿ ಕಾಗದಗಳು ಸರ್ಕಾರದ ವಶವಾದದ್ದರಿಂದ. ಇಂಥ ಆಕಸ್ಮಿಕದ ಮೇಲೆ ಇಡೀ ವರ್ಗದ ಚರಿತ್ರೆ ಕಟ್ಟಬಹುದೇ? ಆಕಸ್ಮಿಕವಾಗಿದ್ದು ಪತ್ರಗಳ ಉಳಿವು, ಅವುಗಳಲ್ಲಿನ ನಡವಳಿಕೆಯಲ್ಲ. ಹ್ಯಾರಿಸ್ ನೋಡಿದ ಉಯಿಲುಗಳೂ ನ್ಯಾಯಾಲಯದ ದಾವೆಗಳೂ ಅದೇ ನಡವಳಿಕೆಗೆ ಸಾಕ್ಷಿ ಹೇಳುತ್ತವೆ. ಇನ್ನೊಂದು ಆಕ್ಷೇಪ ಹೆಚ್ಚು ತೂಕದ್ದು: ಒಬ್ಬ ಗಂಡಸಿನ ಮಾತಿಗೆ ತಲೆ ಉರುಳುವ ಕಡೆ ಹೆಂಗಸರಿಗೆ ಅಧಿಕಾರವಿತ್ತೆನ್ನುವುದು ಕ್ರೂರ ಸುಳ್ಳಲ್ಲವೇ? 1536ರಲ್ಲಿ ರಾಣಿ ಆನ್ ಬೊಲಿನ್, 1541ರಲ್ಲಿ ಸ್ಯಾಲ್ಸ್‌ಬರಿಯ ಕೌಂಟೆಸ್ ಮಾರ್ಗರೆಟ್ ಪೋಲ್, 1542ರಲ್ಲಿ ರಾಣಿ ಕ್ಯಾಥರೀನ್ ಹೋವರ್ಡ್ ಮತ್ತು ಅವಳ ಸಖಿ ಜೇನ್ ಬೊಲಿನ್ ಶಿರಚ್ಛೇದಕ್ಕೆ ಬಲಿಯಾದರು. ಈ ಹಿಂಸೆಯನ್ನು ತೆಳುವಾಗಿಸುವ ಯಾವ ಚರಿತ್ರೆಯೂ ಪ್ರಾಮಾಣಿಕವಲ್ಲ. ಆದರೆ ಕ್ಯಾಥರೀನ್ ಹೋವರ್ಡಳ ಪ್ರಕರಣದಲ್ಲಿ ರಾಜನ ಮಂತ್ರಿಗಳು ಯಾರನ್ನು ವಿಚಾರಣೆ ಮಾಡಿದರೆಂದು ನೋಡಬೇಕು: ರಾಣಿಯ ಕೊಠಡಿಯ ಹೆಂಗಸರನ್ನು, ಅವಳನ್ನು ಸಾಕಿದ ನಾರ್ಫೋಕಿನ ಹಿರಿಯ ಡಚೆಸಳನ್ನು. ಆ ಕೊಠಡಿಯಲ್ಲಿ ರಾಜ್ಯದ ಉತ್ತರಾಧಿಕಾರವೇ ತೀರ್ಮಾನವಾಗುತ್ತದೆಂದು ಅವರಿಗೆ ಗೊತ್ತಿತ್ತು. ಅದೇ ಸಿಂಹಾಸನದ ಪಕ್ಕದಲ್ಲಿ ಕುಳಿತ, ಹೆನ್ರಿಯ ಕೊನೆಯ ರಾಣಿ ಕ್ಯಾಥರೀನ್ ಪಾರ್ 1544ರಲ್ಲಿ ರಾಜಪ್ರತಿನಿಧಿಯಾದಳು, 1545ರಲ್ಲಿ ತನ್ನ ಹೆಸರಿನಲ್ಲಿ ಪ್ರಾರ್ಥನೆಗಳ ಪುಸ್ತಕ ಪ್ರಕಟಿಸಿದಳು. ಅಧಿಕಾರವೂ ಅಪಾಯವೂ ಒಂದೇ ಬಾಗಿಲಿನಿಂದ ಬರುತ್ತಿದ್ದವು.

ಇಷ್ಟಾದರೂ ಕ್ಷೇತ್ರ ಮುಗಿಸಬೇಕಾದ ಕೆಲಸ ಬಹಳವಿದೆ. ಕೌಂಟೆಸರ ಬಗ್ಗೆ ತಿಳಿದಷ್ಟು ಅವರ ಬಟ್ಟೆ ಒಗೆದವರ, ಹಾಸಿಗೆ ಹಾಸಿದವರ ಬಗ್ಗೆ ತಿಳಿದಿಲ್ಲ. ಅರಗಾನಿನ ಕ್ಯಾಥರೀನಳ ಜೊತೆ ಸ್ಪೇನಿನಿಂದ ಬಂದವರಲ್ಲಿ ಕತಲಿನಾ ಎಂಬ ಗುಲಾಮ ಹೆಣ್ಣೊಬ್ಬಳಿದ್ದಳು. ರಾಣಿಯ ಹಾಸಿಗೆ ಸಿದ್ಧಪಡಿಸುವುದು ಅವಳ ಕೆಲಸ. ಹೆನ್ರಿ ಮದುವೆ ರದ್ದುಮಾಡಲು ಹೊರಟು, ಮೊದಲ ಗಂಡ ಆರ್ಥರನೊಡನೆ ರಾಣಿಯ ದಾಂಪತ್ಯ ನಡೆದಿತ್ತೇ ಎಂಬ ಪ್ರಶ್ನೆ ಯುರೋಪಿನ ವ್ಯಾಜ್ಯವಾದಾಗ, 1531ರಲ್ಲಿ ಸ್ಪೇನಿನ ಅಧಿಕಾರಿಗಳು ಸಾಕ್ಷಿಗಾಗಿ ಹುಡುಕಿದವರ ಪಟ್ಟಿಯಲ್ಲಿ ಅವಳ ಹೆಸರೂ ಇತ್ತು. ಸಾಮ್ರಾಜ್ಯಗಳು ಅವಳ ಮಾತಿಗೆ ಬೆಲೆ ಕಟ್ಟಿದವು. ಚರಿತ್ರೆಕಾರರು ಅವಳತ್ತ ತಿರುಗಿದ್ದು ತೀರ ಈಚೆಗೆ. ಕೆಲಿಯ ಪ್ರಶ್ನೆಗೆ ಇಂದು ಹೌದು ಅಥವಾ ಇಲ್ಲ ಎಂಬ ಉತ್ತರ ಸಾಲದು. ಮನೆವಾರ್ತೆಯನ್ನು ಬಿಟ್ಟು ಟ್ಯೂಡರ್ ರಾಜಕೀಯವನ್ನು ಬರೆಯಲಾಗದು ಎಂಬಷ್ಟು ಮಾತ್ರ ಈಗ ಖಚಿತವಾಗಿದೆ. ಹೆನ್ರಿಯ ಹೆಂಡಿರ ಕಥೆಯನ್ನು ಮತ್ತೊಮ್ಮೆ ಕೈಗೆತ್ತಿಕೊಳ್ಳುವವರು, ಅವರು ಹೇಗೆ ಸತ್ತರೆಂಬುದಕ್ಕಿಂತ ಮೊದಲು ಅವರೂ ಅವರ ಸುತ್ತಲಿನವರೂ ಏನು ಕೆಲಸ ಮಾಡಿದರೆಂದು ಕೇಳಿ ಓದಬೇಕು.